ಮೊಳೆಯಿಲ್ಲದ ಹಡಗು, ನಾರಿನ ಹೊಲಿಗೆ

ಮಾರ್ಕೊ ಪೋಲೊಗೆ ಆ ಹಡಗುಗಳು ಸ್ವಲ್ಪವೂ ಹಿಡಿಸಲಿಲ್ಲ. 13ನೇ ಶತಮಾನದಲ್ಲಿ ಆತ ಪರ್ಷಿಯಾದ ಹೋರ್ಮುಜ್ ಬಂದರಿಗೆ ಬಂದಿದ್ದ. ಅಲ್ಲಿನ ಹಡಗುಗಳಲ್ಲಿ ಕಬ್ಬಿಣದ ಮೊಳೆಯೇ ಇರಲಿಲ್ಲ. ಹಲಗೆಗೆ ಹಲಗೆ ಸೇರಿಸಿ ತೆಂಗಿನ ನಾರಿನ ಹುರಿಯಿಂದ ಹೊಲಿದಿದ್ದರು. ಒಂದೇ ಕಂಬ, ಒಂದೇ ಹಾಯಿ, ಮೈಗೆಲ್ಲ ಮೀನೆಣ್ಣೆ. ಇಂಥ ಹಡಗು ಹತ್ತುವುದೇ ಅಪಾಯ, ಎಷ್ಟೋ ಹಡಗುಗಳು ಮುಳುಗಿಹೋಗುತ್ತವೆ ಎಂದು ಆತ ಬರೆಸಿಟ್ಟ.

ಮುಂದಿನ ಶತಮಾನದಲ್ಲಿ ಇನ್ನೊಬ್ಬ ಪ್ರಯಾಣಿಕ ಇದೇ ಹಡಗುಗಳನ್ನು ನೋಡಿದ. ಆತ ಇಬ್ನ್ ಬತೂತಾ. ನಮ್ಮ ಹೊನ್ನಾವರದಲ್ಲಿ ಇದ್ದು ಹೋದವನು, ಅಲ್ಲಿಂದ ಹೊರಟ ಹಡಗುಪಡೆಯ ಜೊತೆ ಗೋವಾದ ಮೇಲಿನ ದಾಳಿಗೂ ಹೋದವನು. ಆತನ ಮಾತು ಬೇರೆಯೇ. ಈ ಸಮುದ್ರದಲ್ಲಿ ಬಂಡೆಗಳು ಜಾಸ್ತಿ; ಮೊಳೆ ಹೊಡೆದ ಹಡಗು ಬಂಡೆಗೆ ತಾಗಿದರೆ ಒಡೆದುಹೋಗುತ್ತದೆ, ಹುರಿಯಲ್ಲಿ ಹೊಲಿದದ್ದು ಬಳುಕುತ್ತದೆ, ಒಡೆಯುವುದಿಲ್ಲ ಎಂದ.

ನೋಡಿದ್ದು ಒಂದೇ ಹಡಗು, ತೀರ್ಪು ಎರಡು. ಇಬ್ಬರಲ್ಲಿ ಹೆಚ್ಚು ಆಳಕ್ಕೆ ನೋಡಿದವನು ಇಬ್ನ್ ಬತೂತಾ ಎಂದು ನನಗೆ ಅನ್ನಿಸುತ್ತದೆ. ಹೊಲಿದ ಹಡಗು ಎಂದರೆ ಕಬ್ಬಿಣ ಸಿಗದವರು ಮಾಡಿಕೊಂಡ ಬಡ ಏರ್ಪಾಟು ಎಂದು ಹಲವರು ತಿಳಿದಿದ್ದಾರೆ. ಹಾಗಲ್ಲ. ಭಾರತದಲ್ಲಿ ಕಬ್ಬಿಣ ಕಾಯಿಸಿ ಬಡಿಯುವ ಕೆಲಸ ಎರಡೂವರೆ ಸಾವಿರ ವರ್ಷಕ್ಕಿಂತ ಹಳೆಯದು. ಮೊಳೆ ಮಾಡಲು ಬಾರದೆ ಯಾರೂ ಹೊಲಿಯಲಿಲ್ಲ.

ಹಾಗಾದರೆ ಯಾಕೆ ಹೊಲಿದರು? ಹಳೆಯ ಉತ್ತರವೊಂದಿದೆ. ಭೋಜರಾಜನ ಹೆಸರಿನಲ್ಲಿರುವ ‘ಯುಕ್ತಿಕಲ್ಪತರು’ ಗ್ರಂಥ, ಸಮುದ್ರದ ಹಡಗಿಗೆ ಕಬ್ಬಿಣ ಬಳಸಬೇಡಿ, ನೀರೊಳಗಿನ ಸೂಜಿಗಲ್ಲಿನ ಬಂಡೆಗಳು ಸೆಳೆದುಕೊಳ್ಳುತ್ತವೆ ಎನ್ನುತ್ತದೆ. ಇದು ನಿಜವಾಗಲು ಸಾಧ್ಯವಿಲ್ಲ. ಸೂಜಿಗಲ್ಲಿನ ಸೆಳೆತ ದೂರ ಹೋದಂತೆ ಬಹಳ ಬೇಗ ಕುಗ್ಗುತ್ತದೆ. ಸಾಗುವ ಹಡಗಿನ ಮೊಳೆ ಕೀಳುವಷ್ಟು ಬಲ ಯಾವ ಬಂಡೆಗೂ ಇಲ್ಲ. ಆದರೆ ಕಬ್ಬಿಣ ಬೇಡ ಎಂಬ ಎಚ್ಚರಿಕೆಯಲ್ಲಿ ತಿರುಳಿದೆ. ಉಪ್ಪುನೀರಿನಲ್ಲಿ ಮೊಳೆ ತುಕ್ಕು ಹಿಡಿದು ಉಬ್ಬುತ್ತದೆ. ಉಬ್ಬಿದ ಮೊಳೆ ಮರವನ್ನು ಸೀಳುತ್ತದೆ. ತುಕ್ಕು ಸುತ್ತಲಿನ ಮರವನ್ನೂ ಹಾಳು ಮಾಡುತ್ತದೆ. ತೂತು ದೊಡ್ಡದಾಗಿ ಮೊಳೆ ಸಡಿಲವಾಗುತ್ತದೆ. ಹೊರಗಿನಿಂದ ನೋಡಿದರೆ ಹಡಗು ಚೆನ್ನಾಗಿಯೇ ಕಾಣುತ್ತದೆ, ಒಳಗೆ ಹಿಡಿತ ಹೋಗಿರುತ್ತದೆ.

ಇನ್ನೊಂದು ಕಾರಣ ಅಲೆ. ಅಲೆಯ ನೆತ್ತಿ ಹಡಗಿನ ನಡುವಿಗೆ ಬಂದಾಗ ಎರಡೂ ತುದಿಗಳು ಕೆಳಗೆ ಜೋಲುತ್ತವೆ. ಮರುಕ್ಷಣ ತುದಿಗಳು ಎರಡು ಅಲೆಗಳ ಮೇಲೆ, ನಡು ತಗ್ಗಿನಲ್ಲಿ. ಈಗ ಹೊಟ್ಟೆ ಕೆಳಗೆ ಬಾಗುತ್ತದೆ. ಎಂಟು ಸೆಕೆಂಡಿಗೊಂದು ಅಲೆ ಎಂದುಕೊಂಡರೂ ದಿನಕ್ಕೆ 10,000ಕ್ಕೂ ಹೆಚ್ಚು ಸಲ ಹಡಗಿನ ಮೈ ಹೀಗೆ ಮೇಲಕ್ಕೂ ಕೆಳಕ್ಕೂ ಬಾಗಬೇಕು. ಮೊಳೆಯಿದ್ದಲ್ಲಿ ಆ ಒತ್ತಡವೆಲ್ಲ ಒಂದೊಂದು ಬಿಂದುವಿನ ಮೇಲೆ ಬೀಳುತ್ತದೆ. ಹೊಲಿಗೆಯಲ್ಲಿ ಸಾವಿರಾರು ಸುತ್ತುಗಳು ಒಂದೊಂದೂ ಚೂರು ಚೂರು ಸಡಿಲ ಕೊಟ್ಟು ಹಂಚಿಕೊಳ್ಳುತ್ತವೆ. ದೋಣಿಯನ್ನು ಮರಳಿನ ದಂಡೆಗೆ ಎಳೆಯುವಾಗಲೂ ಇದೇ ಗುಣ ಕೈಹಿಡಿಯುತ್ತದೆ. ಪೂರ್ವ ಕರಾವಳಿಯ ಮಸೂಲಾ ದೋಣಿಗಳು ದೊಡ್ಡ ತೆರೆಗಳನ್ನು ಸೀಳಿ ದಡ ಸೇರುತ್ತಿದ್ದದ್ದು ಹೊಲಿಗೆಯ ಬಲದಿಂದ. ನಮ್ಮ ಕಡೆ ರಾಂಪಣಿ ಬಲೆ ಬಿಡುತ್ತಿದ್ದ ದೋಣಿಗಳಲ್ಲೂ ಹೊಲಿದ ದೋಣಿಗಳಿದ್ದವು.

ಈಗ ಹುರಿಯ ವಿಷಯಕ್ಕೆ ಬರೋಣ. ನನಗೆ ಅತಿ ಇಷ್ಟವಾದ ಭಾಗ ಇದು.

ಗಟ್ಟಿತನವನ್ನೇ ಲೆಕ್ಕ ಹಾಕಿದರೆ ತೆಂಗಿನ ನಾರು ದೊಡ್ಡ ಶೂರನೇನಲ್ಲ. ಅಷ್ಟೇ ದಪ್ಪದ ಸೆಣಬಿನ ನಾರು ಅದಕ್ಕಿಂತ ಹೆಚ್ಚು ಭಾರ ಎಳೆಯುತ್ತದೆ. ಆದರೆ ಸೆಣಬು ನೂರಕ್ಕೆ ಒಂದೆರಡು ಪಾಲು ಉದ್ದವಾದರೆ ಸಾಕು, ತುಂಡಾಗುತ್ತದೆ. ತೆಂಗಿನ ನಾರು 15ರಿಂದ 40 ಪಾಲಿನವರೆಗೂ ಹಿಗ್ಗುತ್ತದೆ. ಯಾಕೆ ಹೀಗೆ? ಯಾವ ನಾರಿನ ಜೀವಕೋಶದ ಗೋಡೆಯಲ್ಲೂ ಸೆಲ್ಯುಲೋಸಿನ ಸೂಕ್ಷ್ಮ ಎಳೆಗಳು ಸುರುಳಿಯಾಗಿ ಸುತ್ತಿರುತ್ತವೆ. ಸೆಣಬಿನಲ್ಲಿ ಈ ಸುರುಳಿ ಹೆಚ್ಚುಕಡಿಮೆ ನೆಟ್ಟಗೆ ನಿಂತಿದೆ, ಎಳೆದರೆ ಹಿಗ್ಗಲು ಜಾಗವಿಲ್ಲ. ತೆಂಗಿನ ನಾರಿನಲ್ಲಿ ಅದು 30ರಿಂದ 45 ಡಿಗ್ರಿ ಓರೆಯಾಗಿದೆ. ಅಂದರೆ ಪ್ರತಿ ನಾರೂ ಒಂದು ಸಣ್ಣ ಸ್ಪ್ರಿಂಗ್. ಎಳೆದಾಗ ಮೊದಲು ಸುರುಳಿ ಬಿಚ್ಚಿಕೊಳ್ಳುತ್ತದೆ, ತುಂಡಾಗುವ ಮಾತು ಆಮೇಲೆ. ಅಲೆಯ ಮೇಲೆ ಬಳುಕುವ ಹಡಗಿಗೆ ಇಂಥ ದಾರವೇ ಬೇಕು ಅಲ್ವಾ?

ಇನ್ನು ಕೊಳೆಯುವ ವಿಚಾರ. ತೆಂಗಿನ ನಾರಿನಲ್ಲಿ ಲಿಗ್ನಿನ್ ಎಂಬ ವಸ್ತು ನೂರಕ್ಕೆ 40 ಪಾಲಿನಷ್ಟಿದೆ. ಬೇರೆ ಗಿಡಗಳ ನಾರಿನಲ್ಲಿ ಇಷ್ಟು ಸಿಗುವುದು ಅಪರೂಪ. ಮರಕ್ಕೆ ಗಟ್ಟಿತನ ಕೊಡುವುದೂ ಇದೇ. ಬ್ಯಾಕ್ಟೀರಿಯಾಗಳಿಗೆ ಲಿಗ್ನಿನ್ ಸುಲಭದ ಊಟವಲ್ಲ. ಕತ್ತದ ಹಗ್ಗ ಮಾಡುವವರು ಸಿಪ್ಪೆಯನ್ನು ತಿಂಗಳುಗಟ್ಟಲೆ ಹಿನ್ನೀರಿನಲ್ಲಿ ಹೂತಿಡುವುದನ್ನು ಕರಾವಳಿಯವರು ಬಲ್ಲರು. ಆ ವಾಸನೆಯನ್ನೂ ಬಲ್ಲರು. ಅಷ್ಟು ದಿನ ಬ್ಯಾಕ್ಟೀರಿಯಾಗಳು ನಾರುಗಳ ನಡುವಿನ ಅಂಟನ್ನು ತಿಂದು ಮುಗಿಸುತ್ತವೆ, ನಾರನ್ನು ಬಿಡುತ್ತವೆ. ನೀರಿನಲ್ಲಿ ಅಷ್ಟು ಕಾಲ ಬಾಳಿ ಬಂದ ನಾರೇ ಹಡಗಿನ ಹೊಲಿಗೆಗೆ ಹೋಗುವುದು. ಸಮುದ್ರದ ನೀರು ಈ ಹುರಿಯನ್ನು ತಿನ್ನುವುದಿಲ್ಲ ಎಂದು ಪೋಲೊ ಕೂಡ ಒಪ್ಪಿದ್ದ.

ಹೊಲಿಯುವ ಕ್ರಮ ಸುಮ್ನೆ ಬಟ್ಟೆ ಹೊಲಿದಂತಲ್ಲ. ಮೊದಲು ಅಡಿಮರ ಇಡುತ್ತಾರೆ. ಅದು ಹಡಗಿನ ಬೆನ್ನೆಲುಬು. ಅದರ ಎರಡೂ ಬದಿಗೆ ಹಲಗೆಗಳನ್ನು ಒಂದರ ಮೇಲೊಂದು ಏರಿಸುತ್ತಾರೆ. ಯೂರೋಪಿನ ದೊಡ್ಡ ಹಡಗುಗಳಲ್ಲಿ ಪಕ್ಕೆಲುಬುಗಳನ್ನು ಮೊದಲು ನಿಲ್ಲಿಸಿ ಅದರ ಮೇಲೆ ಹಲಗೆ ಹೊದಿಸುತ್ತಿದ್ದರು. ಇಲ್ಲಿ ಹಾಗಲ್ಲ, ಹಲಗೆಗಳೇ ಹಡಗಿನ ಆಕಾರವನ್ನು ತೀರ್ಮಾನಿಸುತ್ತವೆ. ಪಕ್ಕೆಲುಬು ಬರುವುದು ಆಮೇಲೆ. ಬಾಗಬೇಕಾದ ಹಲಗೆಗೆ ಬಿಸಿ ಹಬೆ ಕೊಟ್ಟರೆ ಅದರೊಳಗಿನ ಲಿಗ್ನಿನ್ ಮೆದುವಾಗುತ್ತದೆ. ಆಗ ಬಗ್ಗಿಸಿ ಕಟ್ಟಿಟ್ಟರೆ ಆರಿದ ಮೇಲೆ ಅದೇ ಬಾಗು ಉಳಿಯುತ್ತದೆ. ಎರಡು ಹಲಗೆಗಳ ಅಂಚು ಕೂದಲೂ ತೂರದಷ್ಟು ಕೂಡಬೇಕು. ಬಡಗಿ ಅಂಚನ್ನು ಮತ್ತೆ ಮತ್ತೆ ಇಟ್ಟು ನೋಡುತ್ತಾನೆ, ಮತ್ತೆ ಮತ್ತೆ ಕೆತ್ತುತ್ತಾನೆ. ಹೆಚ್ಚಿನ ದಿನಗಳು ಕಳೆಯುವುದು ಇದರಲ್ಲೇ.

ಆಮೇಲೆ ಅಂಚಿನುದ್ದಕ್ಕೂ ಸಾಲಾಗಿ ತೂತು. ಸಂದಿಯ ಮೇಲೆ ತೆಂಗಿನ ನಾರಿನ ದಪ್ಪ ಸುರುಳಿ ಇಟ್ಟು, ಅದರ ಮೇಲೆ ಹುರಿ ಹಾಯಿಸುತ್ತಾರೆ. ಒಬ್ಬ ಒಳಗೆ, ಒಬ್ಬ ಹೊರಗೆ. ಒಬ್ಬ ತೂರಿಸಿದ್ದನ್ನು ಇನ್ನೊಬ್ಬ ಎಳೆದು, ಕೋಲಿಗೆ ಸುತ್ತಿ ಬಿಗಿಯುತ್ತಾನೆ. ಬಿಗಿ ಕಡಿಮೆಯಾದರೆ ನೀರು ಬರುತ್ತದೆ, ಅತಿಯಾದರೆ ಹಲಗೆಯ ಅಂಚು ಸೀಳುತ್ತದೆ. ಎಷ್ಟು ಎಳೆಯಬೇಕು ಎಂಬುದು ಕೈಗೆ ಗೊತ್ತಿರಬೇಕು. ಕೊನೆಗೆ ತೂತುಗಳಿಗೆ ನಾರು, ರಾಳ ತುಂಬಿ ಮುಚ್ಚುತ್ತಾರೆ. ನೀರಿಗಿಳಿದ ಮೇಲೆ ಉಳಿದ ಕೆಲಸ ಮರದ್ದೇ. ಮರ ಉದ್ದಕ್ಕೆ ಹಿಗ್ಗುವುದು ಇಲ್ಲವೆನ್ನುವಷ್ಟು ಕಡಿಮೆ, ಅಗಲಕ್ಕೆ ಮಾತ್ರ ಚೆನ್ನಾಗಿ ಹಿಗ್ಗುತ್ತದೆ. ಮಳೆಗಾಲದಲ್ಲಿ ಬಾಗಿಲು ಬಿಗಿಯಾಗುತ್ತದಲ್ಲ, ಹಾಗೆ. ಹಲಗೆಗಳು ನೀರು ಕುಡಿದು ಉಬ್ಬಿ ಒಂದನ್ನೊಂದು ಒತ್ತುತ್ತವೆ, ಸಂದಿ ತಾನಾಗಿ ಮುಚ್ಚುತ್ತದೆ. ಮೊದಲ ದಿನಗಳಲ್ಲಿ ಒಳಗೆ ಬರುವ ನೀರನ್ನು ಕಂಡು ಹೆದರಬೇಕಾಗಿಲ್ಲ, ಮೊಗೆದು ಚೆಲ್ಲಬೇಕು.

ಪೋಲೊ ಪೂರ್ತಿ ತಪ್ಪೂ ಅಲ್ಲ. ಹೊಲಿದ ಹಡಗು ಸೋರುತ್ತದೆ. ಆಗಾಗ ಹುರಿ ಬಿಚ್ಚಿ ಹೊಸದಾಗಿ ಹೊಲಿಯಬೇಕು. ನೀರಿನ ಕೆಳಗಿನ ಭಾಗಕ್ಕೆ ಸುಣ್ಣ, ಕೊಬ್ಬು ಕಲಸಿ ಬಳಿಯಬೇಕು. ಇಲ್ಲದಿದ್ದರೆ ಹಡಗುಹುಳ ಮರ ಕೊರೆಯುತ್ತದೆ. (ಹೆಸರಿಗಷ್ಟೇ ಹುಳ; ನಾವು ಸಾರು ಮಾಡುವ ಮರುವಾಯಿ ಎಂಬ ಚಿಪ್ಪುಜೀವಿಯ ಹತ್ತಿರದ ನೆಂಟ ಅದು.) ಪೋರ್ಚುಗೀಸರ ತೋಪುಗಳು ಬಂದ ಮೇಲೆ ಬಳುಕುವ ಗುಣವೇ ತೊಡಕಾಯಿತು. ತೋಪಿನ ಭಾರಕ್ಕೂ ಹಿಂದೊದೆತಕ್ಕೂ ಗಟ್ಟಿ ಮೈ ಬೇಕಿತ್ತು. ನಿಧಾನವಾಗಿ ಮೊಳೆಯ ಹಡಗುಗಳು ಹೆಚ್ಚಿದವು. ಅದರಲ್ಲೂ ನಮ್ಮವರ ಕೈ ಪಳಗಿತು. ವಾಡಿಯಾ ಮನೆತನದವರು 1817ರಲ್ಲಿ ಮುಂಬಯಿಯಲ್ಲಿ ತೇಗದಿಂದ ಕಟ್ಟಿದ ಟ್ರಿಂಕೋಮಲಿ ಯುದ್ಧನೌಕೆ ಇಂಗ್ಲೆಂಡಿನ ಹಾರ್ಟಲ್‌ಪೂಲಿನಲ್ಲಿ ಈಗಲೂ ತೇಲುತ್ತಿದೆ.

ಹೊಲಿದ ಹಡಗು ದೂರದ ಸಮುದ್ರ ದಾಟಬಲ್ಲದೇ ಎಂಬ ಪ್ರಶ್ನೆಗೆ ಸಮುದ್ರದ ತಳವೇ ಉತ್ತರ ಕೊಟ್ಟಿತು. 1998ರಲ್ಲಿ ಇಂಡೊನೇಷ್ಯಾದ ಬೆಲಿಟುಂಗ್ ದ್ವೀಪದ ಬಳಿ 9ನೇ ಶತಮಾನದ ಹಡಗೊಂದು ಸಿಕ್ಕಿತು. ಒಳಗೆ ಸುಮಾರು 60,000 ಚೀನೀ ಪಾತ್ರೆಗಳು. ಅದರ ಹಲಗೆಗಳು ಹೊಲಿದವು. ಅಂಥದ್ದನ್ನು ಮತ್ತೆ ಕಟ್ಟಿ ನೋಡಿದವರೂ ಇದ್ದಾರೆ. 1980ರಲ್ಲಿ ಒಮಾನಿನಲ್ಲಿ ಕಟ್ಟಿದ ಸೊಹಾರ್ ಎಂಬ ಹೊಲಿದ ಹಡಗಿಗೆ ಮರವೂ ಹುರಿಯೂ ಹೋದದ್ದು ಭಾರತದಿಂದ. ಅದು ಚೀನಾ ಮುಟ್ಟಿತು.

ಆಮೇಲೆ ನಮ್ಮ ಸರದಿ ಬಂತು. 2023ರ ಸೆಪ್ಟೆಂಬರಿನಲ್ಲಿ ಗೋವಾದಲ್ಲಿ ಒಂದು ಅಡಿಮರ ಇಟ್ಟರು. ಮಾದರಿಗೆ ಇದ್ದದ್ದು ಅಜಂತಾದ ಒಂದು ಚಿತ್ರ, ಅಷ್ಟೇ. 5ನೇ ಶತಮಾನದ ಹಡಗಿನ ನಕ್ಷೆ ಎಲ್ಲೂ ಉಳಿದಿರಲಿಲ್ಲ. ಹಾಗಾಗಿ ನೌಕಾಪಡೆಯವರು ಗಾತ್ರ, ಆಕಾರದ ಲೆಕ್ಕ ಹಾಕಿದರು, ಮದ್ರಾಸ್ ಐಐಟಿಯಲ್ಲಿ ಪುಟ್ಟ ಮಾದರಿಯನ್ನು ನೀರಿಗಿಳಿಸಿ ಪರೀಕ್ಷಿಸಿದರು. ಹಲಗೆ ಹೊಲಿದವರು ಬಾಬು ಶಂಕರನ್ ಅವರ ಮುಂದಾಳತ್ವದ ಕೇರಳದ ಕುಶಲಕರ್ಮಿಗಳು. ಕಂಪ್ಯೂಟರಿನ ಲೆಕ್ಕವೂ ಬಡಗಿಯ ಕೈಯ ಅಂದಾಜೂ ಒಂದೇ ಒಡಲಲ್ಲಿ ಕೂಡಿದ್ದು ನನಗೆ ತುಂಬ ಸಂತೋಷ ಕೊಟ್ಟ ಸಂಗತಿ.

ಸುಮಾರು 20 ಮೀಟರ್ ಉದ್ದದ ಆ ಹಡಗು 2025ರ ಮೇ 21ರಂದು ಕಾರವಾರದಲ್ಲಿ ನೌಕಾಪಡೆಗೆ ಸೇರಿತು. ಕೌಂಡಿನ್ಯ ಎಂದು ಹೆಸರಿಟ್ಟರು. ಆಗ್ನೇಯ ಏಷ್ಯಾಕ್ಕೆ ಸಮುದ್ರ ದಾಟಿ ಹೋದನೆಂದು ಕಥೆಗಳು ಹೇಳುವ ನಾವಿಕನ ಹೆಸರು ಅದು. ಮೂತಿಯಲ್ಲಿ ಸಿಂಹಯಾಳಿ, ಅಂದರೆ ಸಿಂಹದ ರೂಪದ ಕಾಲ್ಪನಿಕ ಪ್ರಾಣಿ. ಹಾಯಿಯ ಮೇಲೆ ಸೂರ್ಯ, ಜೊತೆಗೆ ಗಂಡಭೇರುಂಡ. ಎಂಜಿನ್ ಇಲ್ಲ. ದಿಕ್ಕು ತಿರುಗಿಸಲು ಈಗಿನ ಚುಕ್ಕಾಣಿಯ ಬದಲು ಉದ್ದನೆಯ ಹುಟ್ಟುಗಳು. ನಾವು ಬಸ್ಸಿನ ಮೇಲೆ, ಸರ್ಕಾರಿ ಕಾಗದದ ಮೇಲೆ ದಿನವೂ ನೋಡುವ ಗಂಡಭೇರುಂಡ ಹೊಲಿದ ಹಡಗಿನ ಹಾಯಿಯಲ್ಲಿ ಗಾಳಿ ತುಂಬಿಕೊಂಡ ಚಿತ್ರ ನೋಡಿ ನಾನು ಬಹಳ ಹೊತ್ತು ಹಾಗೇ ಕೂತಿದ್ದೆ.

2025ರ ಡಿಸೆಂಬರ್ 29ರಂದು ಕೌಂಡಿನ್ಯ ಪೋರಬಂದರಿನಿಂದ ಹೊರಟಿತು. ಗಾಳಿ ಇದ್ದಾಗ ಸಾಗಿತು, ಇಲ್ಲದಾಗ ಕಾಯಿತು. ಜನವರಿ 14ರಂದು ಮಸ್ಕತ್ ಬಂದರು ಸೇರಿತು. ಮಾರ್ಕೊ ಪೋಲೊ ಹೊಲಿದ ಹಡಗುಗಳನ್ನು ಬೈದ ಹೋರ್ಮುಜ್ ಅಲ್ಲಿಂದ ಜಾಸ್ತಿ ದೂರವೇನಿಲ್ಲ.