ಬದುಕುಳಿದವರು ಯಾರು, ಕಳೆದುಕೊಂಡವರು ಯಾರು

ಏರ್ ಇಂಡಿಯಾದ ಕನಿಷ್ಕ ವಿಮಾನ ಸ್ಫೋಟದ ಬಗ್ಗೆ ಬಂದ ಒಂದು ಪುಸ್ತಕದ ಪರಿಚಯ ಓದುತ್ತಿದ್ದೆ. ‘ಬದುಕುಳಿದವರ ಮನಕಲಕುವ ಕಥೆ’ ಅಂತ ಬರೆದಿತ್ತು. ಈ ಮಾತನ್ನು ಹೀಗೆ ಬಳಸಿದ್ದು ನೋಡಿ ನೋಡಿ ಸಾಕಾಗಿದೆ. 1985ರ ಜೂನ್ 23ರಂದು ಕೆನಡಾದಿಂದ ಹೊರಟು ಐರ್ಲೆಂಡ್ ಕರಾವಳಿಯ ಆಚೆ, ಸಮುದ್ರದ ಮೇಲೆ ಹಾರುತ್ತಿದ್ದಾಗ ಬಾಂಬ್ ಸಿಡಿದು ಆ ವಿಮಾನ ಚೂರಾಯಿತು. ಒಳಗಿದ್ದ 329 ಜನರಲ್ಲಿ ಒಬ್ಬರೂ ಬದುಕಲಿಲ್ಲ. ಹಾಗಿದ್ದ ಮೇಲೆ ಬದುಕುಳಿದವರು ಎಲ್ಲಿಂದ ಬಂದರು? ಅಲ್ಲಿ ಮಾತಾಡಿರುವವರು ಹೆಂಡತಿ ಮಕ್ಕಳನ್ನು ಕಳೆದುಕೊಂಡ ಗಂಡಸರು, ಮಗಳನ್ನು ಕಳೆದುಕೊಂಡ ತಾಯಂದಿರು. ಅವರು ಯಾರೂ ಆ ವಿಮಾನ ಹತ್ತಿರಲಿಲ್ಲ.

ಅರ್ಥ ಆಗುತ್ತಲ್ಲ, ಬಿಡಿ ಅನ್ನಬಹುದು. ಬಿಡಲು ಆಗುವುದಿಲ್ಲ. ಭಯೋತ್ಪಾದಕ ದಾಳಿ, ವಿಮಾನ ದುರಂತಗಳ ಪುಸ್ತಕ ಕೈಗೆತ್ತಿಕೊಂಡಾಗ ಓದುಗರಿಗೆ ಮೊದಲು ಬೇಕಾಗುವ ಮಾಹಿತಿಯೇ ಇದು: ಬರೆದವರು ಆ ಹೊತ್ತಿನಲ್ಲಿ ಎಲ್ಲಿದ್ದರು? ಒಳಗಿದ್ದರಾ, ಹೊರಗಿದ್ದರಾ, ಮನೆಯಲ್ಲಿ ಫೋನ್ ಕಾಯುತ್ತಿದ್ದರಾ? ಇದನ್ನು ಒಂದೇ ಮಾತಿನಲ್ಲಿ ಹೇಳುವ ಶಕ್ತಿ ‘ಬದುಕುಳಿದವರು’ ಅನ್ನುವ ಪದಕ್ಕಿದೆ. ಎಲ್ಲರಿಗೂ ಹಂಚಿದರೆ ಆ ಶಕ್ತಿ ಹೋಗುತ್ತದೆ.

ಪದವನ್ನು ಬಿಡಿಸಿ ನೋಡೋಣ. ‘ಬದುಕು’, ‘ಉಳಿ’ ಎರಡೂ ಅಚ್ಚಗನ್ನಡ. ಸಾವಿನಿಂದ ತಪ್ಪಿಸಿಕೊಂಡ ಅರ್ಥ ‘ಬದುಕು’ ಒಂದರಲ್ಲೇ ಆಗಲೇ ಇದೆ. ಹಾವು ಕಚ್ಚಿದರೂ ಬದುಕಿದ ಅನ್ನುತ್ತೇವೆ. ಗಂಡಾಂತರ ದಾಟಿದಾಗ ‘ಬದುಕಿದೆಯಾ ಬಡಜೀವವೇ’ ಅನ್ನುತ್ತೇವೆ. ಅಲ್ಲಿ ‘ಉಳಿ’ ಬೇಕಾಗಲಿಲ್ಲ. ಮತ್ತೆ ಅದನ್ನು ಯಾಕೆ ಸೇರಿಸಿದರು? ‘ಉಳಿ’ ಅನ್ನುವುದು ಒಂಟಿಯಾಗಿ ಬರುವ ಮಾತಲ್ಲ. ಖರ್ಚು ಕಳೆದು ನಿಂತದ್ದು ಉಳಿತಾಯ. ಹೆಚ್ಚಿನದು ಹಾಳಾಗಿ ಒಂದಿಷ್ಟು ಮಿಕ್ಕರೆ ಅದು ಅಳಿದುಳಿದದ್ದು. ಹತ್ತರಲ್ಲಿ ಏಳು ಕಳೆದರೆ ಮೂರು ಉಳಿಯುತ್ತದೆ. ಏನಾದರೂ ಉಳಿಯಬೇಕಾದರೆ ಅದರ ಪಕ್ಕದಲ್ಲಿದ್ದ ಇನ್ನೇನೋ ಹೋಗಿರಲೇಬೇಕು.

ಈಗ ಎರಡು ವಿಮಾನಗಳನ್ನು ತೆಗೆದುಕೊಳ್ಳಿ. 2009ರ ಜನವರಿಯಲ್ಲಿ ನ್ಯೂಯಾರ್ಕ್‌ನ ಹಡ್ಸನ್ ನದಿಯ ಮೇಲೆ ಒಂದು ವಿಮಾನ ಇಳಿಯಿತು. ಹಕ್ಕಿಗಳು ಬಡಿದು ಎರಡೂ ಎಂಜಿನ್ ಕೆಟ್ಟಿದ್ದವು. ಒಳಗಿದ್ದ 155 ಜನರೂ ಬದುಕಿದರು. ಇಲ್ಲಿ ‘ಬದುಕುಳಿದರು’ ಅಂದರೆ ಕಿವಿಗೆ ಸ್ವಲ್ಪ ಜಾಸ್ತಿ ಅನಿಸುತ್ತದೆ. ‘ಬದುಕಿದರು’ ಸಾಕು, ‘ಪಾರಾದರು’ ಇನ್ನೂ ಚೆನ್ನ. 2010ರ ಮೇ 22ರಂದು ದುಬೈನಿಂದ ಮಂಗಳೂರಿಗೆ ಬಂದ ವಿಮಾನ ರನ್‌ವೇ ದಾಟಿ ಕಣಿವೆಗೆ ಬಿತ್ತು. 166 ಜನರಲ್ಲಿ 158 ಜನ ಸತ್ತರು. ಎಂಟು ಜನ ಬದುಕುಳಿದರು. ಇಲ್ಲಿ ಆ ಪದ ಸರಿಯಾಗಿ ಕೂರುತ್ತದೆ. 8 ಅನ್ನುವ ಸಂಖ್ಯೆ ಹೇಳಿದ ಕೂಡಲೇ 158 ಅದರ ಬೆನ್ನಿಗೇ ಬಂದು ನಿಲ್ಲುತ್ತದೆ. ಬೆಂಗಳೂರಿನಲ್ಲಿ 1990ರ ಫೆಬ್ರವರಿ 14ರಂದು ಏರ್‌ಬಸ್ ಬಿದ್ದಾಗಲೂ ಹಾಗೇ, 92 ಜನ ಹೋದರು, 54 ಜನ ಉಳಿದರು.

ಹೀಗೆ ಬಂದವರ ಪುಸ್ತಕಗಳಲ್ಲಿ ‘ನಾನೇ ಯಾಕೆ ಉಳಿದೆ’ ಅನ್ನುವ ಪ್ರಶ್ನೆ ಮತ್ತೆ ಮತ್ತೆ ಬರುವುದು ಇದಕ್ಕೇ. ಆಂಡಿಸ್ ಪರ್ವತದಲ್ಲಿ 1972ರಲ್ಲಿ ಬಿದ್ದ ಉರುಗ್ವೆಯ ವಿಮಾನದಲ್ಲಿ 45 ಜನರಿದ್ದರು. 72 ದಿನ ಹಿಮದಲ್ಲಿ ಕಳೆದು ಕೊನೆಗೆ ಹೊರಬಂದವರು 16. ಸತ್ತ ಗೆಳೆಯರ ದೇಹದ ಮಾಂಸ ತಿಂದು ಅವರು ಜೀವ ಹಿಡಿದುಕೊಂಡಿದ್ದರು. ಅವರಲ್ಲಿ ಹಲವರು ಆಮೇಲೆ ಪುಸ್ತಕ ಬರೆದರು. ಅಂಥವರಿಗೆ ಬೇಕಾದ ಪದ ಇದು. ಉಳಿದದ್ದಕ್ಕೂ ಹೋದವರಿಗೂ ಇರುವ ನಂಟು ಅದರೊಳಗೇ ಇದೆ.

‘ಪಾರಾದವರು’ ಬೇರೆ. ಸಂಸ್ಕೃತದಲ್ಲಿ ‘ಪಾರ’ ಅಂದರೆ ಆಚೆ ದಡ. ಪಾರಾಗುವುದು ಅಂದರೆ ಮೂಲದಲ್ಲಿ ಹೊಳೆ ದಾಟಿ ಆಚೆ ದಡ ಸೇರುವುದು. ಅಪಾಯ ಬಂತು, ಅದನ್ನು ದಾಟಿ ಹೋದರು, ಮೈಗೆ ತಾಗಲಿಲ್ಲ. ಕೂದಲೆಳೆಯ ಅಂತರದಲ್ಲಿ ಪಾರು ಅನ್ನುತ್ತೇವಲ್ಲ, ಆ ಅರ್ಥ. ‘ಬಚಾವಾದವರು’ ಹಿಂದೂಸ್ತಾನಿಯಿಂದ ಬಂದದ್ದು, ಅರ್ಥದಲ್ಲಿ ಇದರ ಹತ್ತಿರ. ವಿಮಾನ ತಪ್ಪಿಸಿಕೊಂಡವರು, ಆ ದಿನ ರಜೆ ಹಾಕಿದವರು, ಹತ್ತು ನಿಮಿಷ ಮೊದಲು ಆ ಹೋಟೆಲಿನಿಂದ ಎದ್ದು ಬಂದವರು, ಇವರೆಲ್ಲ ಪಾರಾದವರು. ಅವರನ್ನು ಬದುಕುಳಿದವರ ಸಾಲಿಗೆ ಸೇರಿಸುವುದು ತಪ್ಪು. ಅವರ ಆಘಾತ ನಿಜವಾದದ್ದೇ, ಆದರೆ ಅದು ಬೇರೆ ಆಘಾತ.

ಒಂದೇ ವಿಮಾನದಲ್ಲಿ ಇದೆಲ್ಲ ಹೇಗೆ ಬೇರೆಬೇರೆಯಾಗುತ್ತದೆ ನೋಡಿ. 1971ರ ಡಿಸೆಂಬರ್ 24ರಂದು ಪೆರುವಿನ ಲಿಮಾದಿಂದ ಪುಕಾಲ್ಪಾಗೆ ಹೊರಟ ವಿಮಾನ ಗುಡುಗು ಮಳೆಗೆ ಸಿಕ್ಕಿ, ಸಿಡಿಲು ಬಡಿದು ಆಕಾಶದಲ್ಲೇ ಒಡೆಯಿತು. ಒಳಗಿದ್ದ 92 ಜನರಲ್ಲಿ 17 ವರ್ಷದ ಯೂಲಿಯಾನೆ ಕೋಪ್ಕೆ ಒಬ್ಬಳೇ ಬದುಕುಳಿದಳು. ಸೀಟಿನ ಬೆಲ್ಟ್ ಬಿಗಿದುಕೊಂಡೇ ಸುಮಾರು ಮೂರು ಕಿಲೋಮೀಟರ್ ಎತ್ತರದಿಂದ ಅಮೆಜಾನ್ ಕಾಡಿಗೆ ಬಿದ್ದಳು. ಕಾಲರ್ ಮೂಳೆ ಮುರಿದಿತ್ತು, ಕನ್ನಡಕ ಹೋಗಿತ್ತು, ಒಂದೇ ಕಾಲಿನಲ್ಲಿ ಚಪ್ಪಲಿ ಇತ್ತು. ಹಳ್ಳ ಹಿಡಿದು ನಡೆದರೆ ಜನ ಇರುವ ಜಾಗ ಸಿಗುತ್ತದೆ ಅಂತ ಗೊತ್ತಿತ್ತು. ಅಪ್ಪ ಅಮ್ಮ ಇಬ್ಬರೂ ಪ್ರಾಣಿವಿಜ್ಞಾನಿಗಳು, ಕಾಡಿನ ಸಂಶೋಧನಾ ಕೇಂದ್ರದಲ್ಲಿ ಅವರ ಜೊತೆ ಇದ್ದು ಕಲಿತದ್ದು. ಗಾಯದಲ್ಲಿ ಹುಳ ಬಿದ್ದಾಗ, ದೋಣಿಯ ಹತ್ತಿರ ಸಿಕ್ಕ ಇಂಧನವನ್ನು ಅದಕ್ಕೆ ಸುರಿದುಕೊಂಡಳು. ಹನ್ನೊಂದನೇ ದಿನ ಮರ ಕಡಿಯುವವರು ಅವಳನ್ನು ಕಂಡರು. ಎಷ್ಟೋ ವರ್ಷಗಳ ನಂತರ, 2011ರಲ್ಲಿ, ಅವರು ಆತ್ಮಕಥೆ ಬರೆದರು.

ಪಕ್ಕದ ಸೀಟಿನಲ್ಲಿದ್ದ ಅವಳ ತಾಯಿ ಸತ್ತರು. ಕ್ರಿಸ್‌ಮಸ್‌ಗೆ ಬರುವ ಹೆಂಡತಿ ಮಗಳಿಗಾಗಿ ಕಾಯುತ್ತಿದ್ದ ತಂದೆ ಕಳೆದುಕೊಂಡವರು. ಇನ್ನು ಜರ್ಮನ್ ಸಿನಿಮಾ ನಿರ್ದೇಶಕ ವರ್ನರ್ ಹರ್ಜೋಗ್ ಅದೇ ವಿಮಾನದಲ್ಲಿ ಹೋಗಬೇಕಿತ್ತು, ಕೊನೇ ಗಳಿಗೆಯಲ್ಲಿ ಆಗಲಿಲ್ಲ. ಅವರು ಪಾರಾದವರು. ಎಷ್ಟೋ ವರ್ಷದ ಮೇಲೆ ಕೋಪ್ಕೆಯವರನ್ನು ಕರೆದುಕೊಂಡು ಅದೇ ಕಾಡಿಗೆ ಹೋಗಿ ಸಾಕ್ಷ್ಯಚಿತ್ರ ಮಾಡಿದರು. ಇಬ್ಬರ ಮಾತಿನ ತೂಕವೂ ಒಂದೇ ಅಂತ ಅವರೇ ಹೇಳಲಿಲ್ಲ, ಕ್ಯಾಮೆರಾದ ಎದುರು ನಡೆದವರು, ನೆನಪಿಸಿಕೊಂಡವರು ಕೋಪ್ಕೆ.

‘ಕಳೆದುಕೊಂಡವರು’ ಅನ್ನುವ ಮಾತಿಗೆ ಬರುತ್ತೇನೆ, ನನ್ನ ಸಿಟ್ಟೆಲ್ಲ ಇರುವುದು ಇಲ್ಲೇ. ಇಷ್ಟು ಒಳ್ಳೆಯ ಪದ ಕೈಯಲ್ಲಿದ್ದೂ ನಾವು ಬಳಸುವುದಿಲ್ಲ. ಅದಕ್ಕೆ ಒಂದು ಕಾರಣ ಅನುವಾದ. ಇಂಗ್ಲಿಷಿನ ಸರ್ವೈವರ್ ಅನ್ನುವ ಪದ ಘಟನೆಯಿಂದ ಎದ್ದು ಬಂದವರಿಗೂ ಸಲ್ಲುತ್ತದೆ, ಸತ್ತವರ ಹಿಂದೆ ಉಳಿದ ಮನೆಯವರಿಗೂ ಸಲ್ಲುತ್ತದೆ. ಕನ್ನಡಕ್ಕೆ ತರುವವರು ಸಂದರ್ಭ ನೋಡದೆ ಎರಡಕ್ಕೂ ‘ಬದುಕುಳಿದವರು’ ಅಂತ ಹಾಕಿಬಿಡುತ್ತಾರೆ. ಇಂಗ್ಲಿಷಿಗೆ ಆ ಗೊಂದಲ ಇದ್ದರೆ ಇರಲಿ, ಅದನ್ನು ನಾವು ಯಾಕೆ ತಂದುಕೊಳ್ಳಬೇಕು?

ಪ್ಯಾರಿಸ್‌ನ ಎರಡು ಪುಸ್ತಕಗಳನ್ನು ಪಕ್ಕಪಕ್ಕ ಇಟ್ಟರೆ ವ್ಯತ್ಯಾಸ ಕಣ್ಣಿಗೆ ಹೊಡೆಯುತ್ತದೆ. 2015ರ ಜನವರಿ 7ರಂದು ಶಾರ್ಲಿ ಹೆಬ್ಡೊ ಪತ್ರಿಕೆಯ ಕಚೇರಿಗೆ ನುಗ್ಗಿ ಗುಂಡು ಹಾರಿಸಿದಾಗ ಫಿಲಿಪ್ ಲಾನ್ಸೋಂ ಒಳಗಿದ್ದರು. ಕೆಳದವಡೆ ಛಿದ್ರವಾಯಿತು. ಅವರ ಪುಸ್ತಕದ ಬಹುಪಾಲು ಆಸ್ಪತ್ರೆ. ಕಾಲಿನ ಮೂಳೆ ತೆಗೆದು ದವಡೆ ಕಟ್ಟುವುದು, ಕೂಡದ ಗಾಯ, ಮತ್ತೆ ಶಸ್ತ್ರಚಿಕಿತ್ಸೆ. ಮಾತಾಡಲು ಬಾರದೆ ಸಣ್ಣ ಬಿಳಿ ಹಲಗೆಯ ಮೇಲೆ ಬರೆದು ತೋರಿಸುವುದು. ದಾಳಿಯ ಬಗ್ಗೆ ಅವರಿಗೆ ಗೊತ್ತಿರುವುದೆಲ್ಲ ಒಂದು ಕೋಣೆಯ ನೆಲದಿಂದ ಕಂಡದ್ದು. ಅದೇ ವರ್ಷದ ನವೆಂಬರ್ 13ರ ರಾತ್ರಿ ಬಟಾಕ್ಲಾನ್ ಸಂಗೀತ ಸಭಾಂಗಣದಲ್ಲಿ ಆಂತ್ವಾನ್ ಲೆರಿಸ್ ಅವರ ಹೆಂಡತಿ ಕೊಲೆಯಾದರು. ಲೆರಿಸ್ ಮನೆಯಲ್ಲಿ 17 ತಿಂಗಳ ಮಗನ ಜೊತೆ ಇದ್ದರು. ಅವರ ಪುಸ್ತಕದಲ್ಲಿ ಗುಂಡಿನ ಸದ್ದಿಲ್ಲ. ಮಗುವಿಗೆ ಊಟ ಮಾಡಿಸುವುದು, ಸ್ನಾನ ಮಾಡಿಸುವುದು, ಮಲಗಿಸುವುದು ಇದೆ. ಮೊದಲು ಇಬ್ಬರು ಮಾಡುತ್ತಿದ್ದುದನ್ನು ಈಗ ಒಬ್ಬರೇ ಮಾಡುವುದು.

ಎರಡೂ ದೊಡ್ಡ ಪುಸ್ತಕಗಳೇ. ಒಂದು ಹೆಚ್ಚು ಇನ್ನೊಂದು ಕಡಿಮೆ ಅಂತ ಅಲ್ಲ. ಆದರೆ ಲೆರಿಸ್ ಅವರನ್ನು ಬದುಕುಳಿದವರು ಅಂತ ಕರೆದರೆ ಅವರು ಬರೆದದ್ದನ್ನೇ ಓದಿಲ್ಲ ಅಂತಾಯಿತು. ಅವರ ಸಂಕಟ ಇರುವುದೇ ಅಲ್ಲಿ ಇಲ್ಲದೇ ಇದ್ದುದರಲ್ಲಿ. ಕನಿಷ್ಕದ ಕುಟುಂಬಗಳದ್ದೂ ಅದೇ ಸಂಕಟ. ಲೇಖಕ ದಂಪತಿ ಭಾರತಿ ಮುಖರ್ಜಿ ಮತ್ತು ಕ್ಲಾರ್ಕ್ ಬ್ಲೇಸ್ 1987ರಲ್ಲಿ ಆ ಮನೆಯವರ ಬಗ್ಗೆ ಪುಸ್ತಕ ಬರೆದಾಗ ಕೆನಡಾದಲ್ಲಿ ಬಹಳ ಜನ ಅದನ್ನು ತಮ್ಮ ದೇಶದ ದುಃಖ ಅಂತಲೇ ಒಪ್ಪಿಕೊಂಡಿರಲಿಲ್ಲ. ಸತ್ತವರಲ್ಲಿ ಹೆಚ್ಚಿನವರು ಕೆನಡಾದ ಪ್ರಜೆಗಳೇ ಆಗಿದ್ದರೂ. ಅದನ್ನು ಒಪ್ಪಿಸಲು ಅಷ್ಟು ಹೋರಾಡಿ ತಮ್ಮ ಜಾಗ ಗಳಿಸಿದವರಿಗೆ ತಪ್ಪು ಹೆಸರು ಕೊಡುವುದು ಸಣ್ಣ ವಿಷಯ ಅಲ್ಲ. ಅಂದ ಹಾಗೆ, ಅದನ್ನು ಈಗಲೂ ‘ಕನಿಷ್ಕ ಅಪಘಾತ’ ಅಂತ ಬರೆಯುವವರಿದ್ದಾರೆ. ಮಂಗಳೂರಿನದು ಅಪಘಾತ. ಕನಿಷ್ಕ ಕೊಲೆ.

‘ಸಂತ್ರಸ್ತರು’ ಅನ್ನುವ ಇನ್ನೊಂದು ಪದ ಇದೆ, ಅದು ಎಲ್ಲರನ್ನೂ ಒಂದೇ ಚೀಲಕ್ಕೆ ತುಂಬುತ್ತದೆ. ಸತ್ತವರು, ಗಾಯಗೊಂಡವರು, ಮನೆಯವರು ಎಲ್ಲ ಸಂತ್ರಸ್ತರೇ. ‘ಮೃತ ಸಂತ್ರಸ್ತರು’ ಅಂತಲೂ ಸುದ್ದಿಯಲ್ಲಿ ಓದಿದ್ದೇನೆ. ಇದರ ಮೂಲ ಸಂಸ್ಕೃತದ ‘ತ್ರಸ್’ ಧಾತು. ಹೆದರು, ನಡುಗು ಅಂತ ಅರ್ಥ. ಉತ್ತರ ಕರ್ನಾಟಕದವರು ‘ಭಾಳ ತ್ರಾಸ ಆತು’ ಅನ್ನುವಾಗ ಇರುವುದೂ ಅದೇ. ಸಂತ್ರಸ್ತ ಅಂದರೆ ಪೂರ್ತಿ ಬೆದರಿಹೋದವರು. ಭಾಷಾವಿಜ್ಞಾನಿಗಳು ಲ್ಯಾಟಿನ್ನಿನ ‘ಟೆರ್ರೆರೆ’, ಅಂದರೆ ಹೆದರಿಸು ಅನ್ನುವುದನ್ನೂ ಇದೇ ಬೇರಿಗೆ ಸೇರಿಸುತ್ತಾರೆ. ಟೆರರಿಸ್ಟ್ ಅನ್ನುವ ಪದ ಬಂದದ್ದು ಅಲ್ಲಿಂದ. ಹೆದರಿಸಿದವನ ಹೆಸರೂ ಹೆದರಿದವರ ಹೆಸರೂ ದೂರದ ನೆಂಟರು. ಹಾಗಾಗಿ ದಾಳಿಯಲ್ಲಿ ಬೆದರಿ, ಬದುಕಿರುವವರಿಗೆ ಈ ಪದ ಸರಿಯಾಗಿಯೇ ಒಪ್ಪುತ್ತದೆ. ಸತ್ತವರಿಗೆ ಒಪ್ಪುವುದಿಲ್ಲ. ಅವರನ್ನು ಸತ್ತವರು ಅಂತ ಬರೆಯಲು ಹಿಂಜರಿಕೆ ಯಾಕೆ? ‘ಹುತಾತ್ಮರು’ ಅಂತ ಬರೆಯುವುದು ಇನ್ನೂ ತಪ್ಪು. ಹುತ ಅಂದರೆ ಬೆಂಕಿಗೆ ಅರ್ಪಿಸಿದ್ದು. ನಿಲ್ದಾಣದಲ್ಲಿ ರೈಲಿಗೆ ಕಾಯುತ್ತಿದ್ದಾಗ ದಾಳಿಗೆ ಸಿಕ್ಕಿ ಸತ್ತವರು ಯಾರಿಗೂ ಏನನ್ನೂ ಅರ್ಪಿಸಲು ಬಂದಿರಲಿಲ್ಲ.

ಬದುಕುಳಿದವರೆಲ್ಲ ಸಾಕ್ಷಿಗಳು ಅಂದುಕೊಳ್ಳುವುದು ಮತ್ತೊಂದು ಎಡವಟ್ಟು. 1972ರ ಜನವರಿಯಲ್ಲಿ ಯುಗೊಸ್ಲಾವ್ ವಿಮಾನವೊಂದು ಚೆಕೊಸ್ಲೊವಾಕಿಯಾದ ಮೇಲೆ ಸ್ಫೋಟಗೊಂಡಾಗ 28 ಜನರಲ್ಲಿ ಗಗನಸಖಿ ವೆಸ್ನಾ ವುಲೊವಿಚ್ ಒಬ್ಬರೇ ಉಳಿದರು. ಹತ್ತು ಕಿಲೋಮೀಟರ್ ಎತ್ತರದಿಂದ ಬಿದ್ದ ದಾಖಲೆ ಅವರ ಹೆಸರಿನಲ್ಲಿದೆ. ಆದರೆ ಬಿದ್ದದ್ದರ ನೆನಪು ಅವರಿಗೆ ಇರಲಿಲ್ಲ. ಉಳಿಯುವುದು ದೇಹದ ಕೆಲಸ, ನೆನಪಿಡುವುದು ಬೇರೆಯೇ ಕೆಲಸ. ಎಷ್ಟೋ ಸಲ ಅದನ್ನು ಬೇರೆಯವರೇ ಮಾಡಬೇಕಾಗುತ್ತದೆ. 1995ರ ಟೋಕಿಯೊ ಸುರಂಗ ರೈಲಿನ ಸರಿನ್ ವಿಷಾನಿಲ ದಾಳಿಯ ಮೇಲೆ ಜಪಾನಿ ಕಾದಂಬರಿಕಾರ ಹರುಕಿ ಮುರಾಕಮಿ ಮಾಡಿದ್ದು ಅದನ್ನು. ದಾಳಿಗೆ ಸಿಕ್ಕವರನ್ನು ಒಬ್ಬೊಬ್ಬರನ್ನಾಗಿ ಕೂರಿಸಿಕೊಂಡು ಕೇಳಿದರು. ಹುಟ್ಟಿದ್ದೆಲ್ಲಿ, ಕೆಲಸ ಏನು, ಆ ಬೆಳಗ್ಗೆ ಯಾವ ಬೋಗಿ ಹತ್ತಿದಿರಿ ಅಂತ. ಹಾಗೆ ಕೇಳಿದಾಗ ‘ಸಂತ್ರಸ್ತರು’ ಅನ್ನುವ ಗುಂಪು ಒಡೆದು ಮನುಷ್ಯರು ಹೊರಗೆ ಬರುತ್ತಾರೆ.

ಈ ಪದಕ್ಕೆ ಎಷ್ಟು ಬೆಲೆ ಇದೆ ಅನ್ನುವುದು ನ್ಯೂಯಾರ್ಕ್‌ನವರಿಗೆ ಗೊತ್ತು. 2001ರ ಸೆಪ್ಟೆಂಬರ್ 11ರಂದು ವಿಶ್ವ ವಾಣಿಜ್ಯ ಕೇಂದ್ರದ ಅವಳಿ ಗೋಪುರಗಳ ಮೇಲೆ ದಾಳಿಯಾದಾಗ ಜನ ಓಡಿ ಹೊರಬಂದ ಕಲ್ಲಿನ ಮೆಟ್ಟಿಲುಗಳನ್ನು ಅಲ್ಲಿನ ಸ್ಮಾರಕ ಮ್ಯೂಸಿಯಂನಲ್ಲಿ ಇಟ್ಟು, ಬದುಕುಳಿದವರ ಮೆಟ್ಟಿಲು ಅಂತಲೇ ಹೆಸರಿಟ್ಟಿದ್ದಾರೆ. ಅದೇ ಊರಲ್ಲಿ ತಾನಿಯಾ ಹೆಡ್ ಅನ್ನುವ ಮಹಿಳೆ ತಾನು ದಕ್ಷಿಣ ಗೋಪುರದ 78ನೇ ಮಹಡಿಯಿಂದ ಬಂದವಳು, ಮದುವೆಯಾಗಬೇಕಿದ್ದವನು ಇನ್ನೊಂದು ಗೋಪುರದಲ್ಲಿ ಸತ್ತ ಅಂತ ಹೇಳಿಕೊಂಡು ಬದುಕುಳಿದವರ ಸಂಘದ ಅಧ್ಯಕ್ಷೆಯೇ ಆದಳು. 2007ರಲ್ಲಿ ಪತ್ರಿಕೆಯೊಂದು ತನಿಖೆ ಮಾಡಿದಾಗ ಸುಳ್ಳು ಬಯಲಾಯಿತು. ಆ ದಿನ ಅವಳು ಅಮೆರಿಕದಲ್ಲೇ ಇರಲಿಲ್ಲ. ಅವಳನ್ನು ನಂಬಿ ತಮ್ಮ ಕಥೆ ಹೇಳಿಕೊಂಡಿದ್ದವರಿಗೆ ಅದು ಎರಡನೇ ಪೆಟ್ಟು. ಎಲ್ಲಿದ್ದಿರಿ ಅಂತ ಕೇಳುವುದು ಅಮಾನವೀಯ ಅನ್ನುವವರು ಆ ಜನರ ಮಾತನ್ನೂ ಒಮ್ಮೆ ಕೇಳಬೇಕು.

ಗೆರೆ ಎಲ್ಲ ಕಡೆ ಇಷ್ಟು ನೇರವಾಗಿ ಬೀಳುವುದಿಲ್ಲ, ಅದು ನಿಜ. 2025ರ ಜೂನ್ 12ರಂದು ಅಹಮದಾಬಾದಿನಲ್ಲಿ ಬಿದ್ದ ವಿಮಾನದ 242 ಜನರಲ್ಲಿ ಬದುಕುಳಿದದ್ದು ಒಬ್ಬರೇ. ಅವರ ಸೋದರ ಅದೇ ವಿಮಾನದಲ್ಲಿ ಸತ್ತರು. ಕೋಪ್ಕೆಯವರಂತೆ ಇವರೂ ಬದುಕುಳಿದವರು ಮತ್ತು ಕಳೆದುಕೊಂಡವರು, ಎರಡೂ. ಅಂಥವರನ್ನು ‘ಪವಾಡದ ಮನುಷ್ಯ’ ಅಂತ ಕರೆದು ಮೊದಲ ಅರ್ಧವನ್ನಷ್ಟೇ ಹೇಳುವುದು ನ್ಯಾಯ ಅಲ್ಲ.

ಲಾಕರ್ಬಿಯ ಜನರನ್ನು ಯಾವ ಪದದಲ್ಲಿ ಕರೆಯಬೇಕು ಅನ್ನುವುದು ನನಗೆ ಈಗಲೂ ಹೊಳೆದಿಲ್ಲ. 1988ರ ಡಿಸೆಂಬರ್ 21ರಂದು ಸ್ಕಾಟ್ಲೆಂಡಿನ ಆ ಪುಟ್ಟ ಊರಿನ ಮೇಲೆ ಬಾಂಬಿಗೆ ಒಡೆದ ವಿಮಾನ ಬಿತ್ತು. ವಿಮಾನದಲ್ಲಿದ್ದ 259 ಜನ, ನೆಲದ ಮೇಲೆ ಊರಿನ 11 ಜನ ಸತ್ತರು. ಪಕ್ಕದ ಬೀದಿಯವರು ಉಳಿದರು, ನೆರೆಮನೆಯವರನ್ನು ಕಳೆದುಕೊಂಡರು, ಹೊಲದಲ್ಲಿ ಹೆಣ ಕಂಡರು. ಆಮೇಲೆ ಅಲ್ಲಿನ ಹೆಂಗಸರು ಪ್ರಯಾಣಿಕರ ಬಟ್ಟೆಗಳನ್ನು ಒಗೆದು, ಇಸ್ತ್ರಿ ಮಾಡಿ, ಮಡಿಸಿ, ಮನೆಯವರಿಗೆ ಕಳಿಸಿಕೊಟ್ಟರು. ಅವರ ಬಗ್ಗೆ ಬರೆಯುವವರು ‘ಸಂತ್ರಸ್ತರು’ ಅಂತ ಮುಗಿಸದೆ, ‘ಲಾಕರ್ಬಿಯವರು’ ಅಂತ ಬರೆದು, ಅವರು ಮಾಡಿದ್ದನ್ನು ಹೇಳಿದರೆ ಸಾಕು.