ಹೆಣ್ಣುಮಕ್ಕಳಿಗೆ ಟೋರಾ ಕಲಿಸಬಾರದು ಎಂದ ಸಮುದಾಯದಲ್ಲಿ ಇಷ್ಟೊಂದು ಬರಹಗಾರ್ತಿಯರು ಎಲ್ಲಿಂದ ಬಂದರು?

ಪ್ರಶ್ನೆ: ಯಹೂದಿ ಸಂಪ್ರದಾಯದಲ್ಲಿ ಹೆಣ್ಣುಮಕ್ಕಳಿಗೆ ಟೋರಾ, ಅಂದರೆ ಧರ್ಮಶಾಸ್ತ್ರ, ಕಲಿಸುತ್ತಿರಲಿಲ್ಲ ಅಂತ ಓದಿದ್ದೇನೆ. ಆದರೆ ಸ್ತ್ರೀವಾದದ ಚರಿತ್ರೆ ತೆಗೆದರೆ ಯಹೂದಿ ಹೆಂಗಸರ ಹೆಸರು ಸಾಲುಸಾಲಾಗಿ ಸಿಗುತ್ತವೆ. ಇವರೆಲ್ಲ ಧರ್ಮ ಬಿಟ್ಟು ಹೊರಬಂದವರೇ?

ಎಲ್ಲರೂ ಅಲ್ಲ. ಬಿಟ್ಟು ಬಂದವರೂ ಇದ್ದರು. ಪೋಲೆಂಡಿನ ರಬ್ಬಿಯೊಬ್ಬರ (ಯಹೂದಿ ಧರ್ಮಗುರು) ಮಗಳು ಅರ್ನೆಸ್ಟೀನ್ ರೋಸ್ ಹದಿನಾರರ ವಯಸ್ಸಿನಲ್ಲೇ, ಅಪ್ಪ ಗೊತ್ತುಮಾಡಿದ ಮದುವೆ ಬೇಡವೆಂದು ಕೋರ್ಟಿಗೆ ಹೋಗಿ ತಾಯಿಯ ಕಡೆಯ ಆಸ್ತಿ ಉಳಿಸಿಕೊಂಡರು. ಮುಂದೆ ಅಮೆರಿಕದಲ್ಲಿ, ಮದುವೆಯಾದ ಹೆಂಗಸರಿಗೂ ಸ್ವಂತ ಆಸ್ತಿ ಇರಬೇಕೆಂದು ಮನೆಮನೆಗೆ ಹೋಗಿ ಸಹಿ ಹಾಕಿಸಿದರು. 1848ರಲ್ಲಿ ನ್ಯೂಯಾರ್ಕ್ ಅಂಥ ಕಾನೂನು ತಂದಿತು. ಇಂಥವರ ಕಥೆ ನಮಗೆ ಬೇಗ ಸಿಗುತ್ತದೆ, ಅವರು ಇಂಗ್ಲಿಷಿನಲ್ಲಿ ಮಾತಾಡಿದವರಲ್ವಾ. ಒಳಗೇ ಉಳಿದು ಓದಿದವರ, ಬರೆದವರ ಕಥೆ ಇನ್ನೂ ಹಳೆಯದು. ನನಗೆ ಜಾಸ್ತಿ ಇಷ್ಟವಾಗುವುದೂ ಅದೇ.

ಮೊದಲು ನಿಯಮ ಏನಿತ್ತು ನೋಡೋಣ. ಕ್ರಿ.ಶ. 200ರ ಸುಮಾರಿಗೆ ಒಟ್ಟುಗೂಡಿದ ಮಿಶ್ನಾ ಎಂಬ ಧರ್ಮಸಂಹಿತೆಯಲ್ಲಿ ಇಬ್ಬರು ಪಂಡಿತರ ಮಾತು ಪಕ್ಕಪಕ್ಕದಲ್ಲೇ ಇದೆ. ಮಗಳಿಗೆ ಟೋರಾ ಕಲಿಸುವುದು ಅಪ್ಪನ ಕರ್ತವ್ಯ ಎನ್ನುತ್ತಾರೆ ಬೆನ್ ಅಜ್ಜಾಯ್. ಹಾಗೆ ಕಲಿಸಿದರೆ ಚೆಲ್ಲಾಟ ಕಲಿಸಿದಂತೆ ಎನ್ನುತ್ತಾರೆ ರಬ್ಬಿ ಎಲಿಯೆಜರ್. ಈ ಮಾತು ಬಂದದ್ದಾದರೂ ಎಲ್ಲಿ? ಗಂಡನ ಅನುಮಾನಕ್ಕೆ ಸಿಕ್ಕ ಹೆಂಡತಿಯನ್ನು ಪರೀಕ್ಷೆಗೆ ಒಡ್ಡುವ ಅಧ್ಯಾಯದಲ್ಲಿ! ಮುಂದಿನ ಶತಮಾನಗಳಲ್ಲಿ ಗೆದ್ದದ್ದು ಎಲಿಯೆಜರ್ ಮಾತು.

ಆದರೆ ಅದರ ಅರ್ಥ ಹೆಂಗಸರು ಅಕ್ಷರವನ್ನೇ ಕಲಿಯಲಿಲ್ಲ ಅಂತಲ್ಲ. ಅಡ್ಡಿ ಇದ್ದದ್ದು ತಾಲ್ಮೂದಿಗೆ. ತಾಲ್ಮೂದ್ ಎಂದರೆ ಮಿಶ್ನಾವನ್ನು ಚರ್ಚಿಸುವ ದೊಡ್ಡ ಗ್ರಂಥ: ವಾದ, ಪ್ರತಿವಾದ, ತೀರ್ಪು. ಮದುವೆ, ವಿಚ್ಛೇದನ, ಆಸ್ತಿ, ಸಾಕ್ಷಿ ಎಲ್ಲದರ ಕಾನೂನು ಅಲ್ಲಿಂದ ಬರುತ್ತದೆ. ಪ್ರಾರ್ಥನೆ ಓದಿ, ಲೆಕ್ಕ ಬರೆಯಿರಿ, ವ್ಯಾಪಾರ ಮಾಡಿ, ಆದರೆ ತೀರ್ಪು ಹೇಳುವ ಜಾಗಕ್ಕೆ ಬರಬೇಡಿ ಅನ್ನುವುದು ಆ ನಿಯಮದ ತಿರುಳು.

ಎರಡನೇ ಶತಮಾನದ ಬೆರೂರಿಯಾ ಕಥೆ ನೋಡಿ. ರಬ್ಬಿ ಮೆಯಿರ್ ಅವರ ಹೆಂಡತಿ. ಒಂದೇ ದಿನದಲ್ಲಿ ಮುನ್ನೂರು ವಿಷಯ ಕಲಿತವರೆಂದು ತಾಲ್ಮೂದೇ ಹೊಗಳುತ್ತದೆ. ಶುದ್ಧಾಶುದ್ಧದ ಒಂದು ಚರ್ಚೆಯಲ್ಲಿ ಅವರ ಅಭಿಪ್ರಾಯವೇ ಸರಿ ಎಂದು ಪಂಡಿತರು ಒಪ್ಪಿದ ದಾಖಲೆ ಇದೆ. ಸುಮಾರು ಒಂಬತ್ತು ಶತಮಾನ ಕಳೆದ ಮೇಲೆ ಫ್ರಾನ್ಸಿನ ರಾಶಿ ಎಂಬ ದೊಡ್ಡ ವ್ಯಾಖ್ಯಾನಕಾರರ ಟಿಪ್ಪಣಿಯಲ್ಲಿ ಬೇರೆಯೇ ಕಥೆ ಬರುತ್ತದೆ. ಹೆಂಗಸರ ಮನಸ್ಸು ಚಂಚಲ ಎಂಬ ಮಾತನ್ನು ಬೆರೂರಿಯಾ ಗೇಲಿ ಮಾಡಿದರಂತೆ. ಗಂಡ ತನ್ನ ಶಿಷ್ಯನನ್ನೇ ಬಿಟ್ಟು ಅವರನ್ನು ಪರೀಕ್ಷಿಸಿದನಂತೆ. ಅವರು ಸೋತು ನೇಣು ಹಾಕಿಕೊಂಡರಂತೆ. ತಾಲ್ಮೂದಿನಲ್ಲಿ ಈ ಕಥೆ ಇಲ್ಲವೇ ಇಲ್ಲ. ತೀರ್ಪು ಹೇಳಿದ ಹೆಂಗಸಿಗೆ ಯಾರೋ ಎಷ್ಟೋ ಕಾಲದ ನಂತರ ಶಿಕ್ಷೆ ಬರೆದರು, ಅಷ್ಟೇ.

12ನೇ ಶತಮಾನದ ಕೈರೋದಲ್ಲಿ ಇದಕ್ಕೆ ಉಲ್ಟಾ ಪ್ರಸಂಗ ಸಿಗುತ್ತದೆ. ಹೆಣ್ಣುಮಕ್ಕಳಿಗೆ ಟೋರಾ ಕಲಿಸಬಾರದು ಎಂದು ತಮ್ಮ ಸಂಹಿತೆಯಲ್ಲಿ ಬರೆದವರು ಆ ಕಾಲದ ದೊಡ್ಡ ಯಹೂದಿ ಪಂಡಿತ ಮೈಮೊನಿಡಿಸ್. ಅವರ ಮುಂದೆಯೇ ಒಬ್ಬ ಮೇಡಂ ಅವರ ವ್ಯಾಜ್ಯ ಬಂತು. ಗಂಡ ಸಂಸಾರ ಬಿಟ್ಟು ಊರೂರು ಅಲೆಯಲು ಹೋದಾಗ ಈಕೆ ಸಹೋದರನ ಜೊತೆ ಸೇರಿ ಹುಡುಗರಿಗೆ ಬೈಬಲ್ ಪಾಠ ಹೇಳಿ ಮಕ್ಕಳನ್ನು ಸಾಕಿದ್ದರು. ವರ್ಷಗಳ ಮೇಲೆ ಬಂದ ಗಂಡ ಶಾಲೆ ಮುಚ್ಚು ಎಂದ. ಕಾನೂನಿನಂತೆ ಗಂಡ ತಡೆಯಬಹುದು ಎಂದು ಮೈಮೊನಿಡಿಸ್ ಒಪ್ಪಿದರು. ಆದರೆ ದಾರಿಯನ್ನೂ ಹೇಳಿಕೊಟ್ಟರು. ಆಕೆ ಗಂಡನ ಜೊತೆ ಇರಲು ಒಪ್ಪದಿದ್ದರೆ ವಿಚ್ಛೇದನವಾಗುತ್ತದೆ, ಮದುವೆ ಕರಾರಿನ ಹಣ ಹೋಗುತ್ತದೆ, ಆಮೇಲೆ ಆಕೆ ಯಾರಿಗೆ ಬೇಕಾದರೂ ಪಾಠ ಹೇಳಬಹುದು. ಆ ಮೇಡಂ ಹೆಸರು ಮಾತ್ರ ಉತ್ತರದಲ್ಲಿ ಇಲ್ಲ.

ಅದೇ ಶತಮಾನದ ನಮ್ಮ ಕರಾವಳಿಯ ಒಂದು ಕಾಗದವೂ ಕೈರೋದಲ್ಲಿ ಉಳಿದುಬಂದಿತ್ತು. ಅಬ್ರಹಾಂ ಬೆನ್ ಯಿಜು ಎಂಬ ಯಹೂದಿ ವ್ಯಾಪಾರಿ 1132ರಲ್ಲಿ ಮಂಗಳೂರಿನಲ್ಲಿ ಅಶು ಎಂಬ ದಾಸಿಯನ್ನು ಬಿಡುಗಡೆ ಮಾಡಿ ಬರೆದ ಪತ್ರ ಅದು. ಆಮೇಲೆ ಅವರಿಬ್ಬರೂ ಸಂಸಾರ ಹೂಡಿದರು. ಆತನ ಕಾಗದಪತ್ರ ರಾಶಿ ಇವೆ. ಅಶು ತಾನೇ ಬರೆದ ಒಂದು ಸಾಲೂ ಇಲ್ಲ.

ಹೆಂಗಸರ ಬರಹ ಹೊಳೆಯಂತೆ ಹರಿದದ್ದು ಯುರೋಪಿನಲ್ಲಿ, ಅಚ್ಚುಮನೆ ಬಂದ ಮೇಲೆ. ಹೀಬ್ರೂ ಪಂಡಿತರ ಭಾಷೆ, ಯಿದ್ದಿಶ್ ಮನೆಮಾತು. ಯಿದ್ದಿಶ್ ಪುಸ್ತಕಗಳ ಮೇಲೆ ‘ಹೆಂಗಸರಿಗಾಗಿ, ಮತ್ತು ಹೆಂಗಸರಂತೆ ಓದು ಬಾರದ ಗಂಡಸರಿಗಾಗಿ’ ಎಂಬ ಧಾಟಿಯ ಮಾತು ಇರುತ್ತಿತ್ತು. ಅಂಥ ಗಂಡಸರು ಬೇಕಾದಷ್ಟಿದ್ದರು. ಹೆಂಗಸರ ನೆಪದಲ್ಲಿ ಅವರೂ ಓದಿದರು! 1609ರಲ್ಲಿ ಪ್ರಾಗ್ ನಗರದಲ್ಲಿ ರಿವ್ಕಾ ಟಿಕ್ಟಿನರ್ ಅವರ ನೀತಿಗ್ರಂಥ ಅಚ್ಚಾಯಿತು. ಅಷ್ಟರಲ್ಲಿ ಅವರು ತೀರಿಕೊಂಡಿದ್ದರು. ತಾಲ್ಮೂದಿನ ಮಾತುಗಳನ್ನು ಎತ್ತಿ ಎತ್ತಿ ವಾದಿಸುವ ಪುಸ್ತಕ ಅದು. ಬಾಗಿಲು ಮುಚ್ಚಿದ್ದ ಕೋಣೆಯಿಂದ ಇಷ್ಟೆಲ್ಲ ಹೇಗೆ ಹೊರಬಂತು? ರಬ್ಬಿಗಳ ಮನೆಯಲ್ಲಿ ಹುಟ್ಟಿದ ಹೆಣ್ಣುಮಕ್ಕಳ ಕಿವಿಗೆ ಯಾರೂ ಬೀಗ ಹಾಕಿರಲಿಲ್ಲ.

ನನಗೆ ಮರೆಯಲಾಗದ ಹೆಸರು ಗೆಲೆ. 1710ರಲ್ಲಿ ಜರ್ಮನಿಯ ಹಾಲೆ ಪಟ್ಟಣದಲ್ಲಿ ಅಪ್ಪನ ಅಚ್ಚುಮನೆಯಲ್ಲಿ ಒಂದು ಪ್ರಾರ್ಥನಾ ಪುಸ್ತಕಕ್ಕೆ ಅಚ್ಚಿನ ಮೊಳೆ ಜೋಡಿಸಿದ ಹುಡುಗಿ. ಕೊನೆಯ ಪುಟದಲ್ಲಿ ತಾನೇ ಪ್ರಾಸ ಕಟ್ಟಿ ಯಿದ್ದಿಶ್ ಪದ್ಯವೊಂದನ್ನು ಸೇರಿಸಿದ್ದಾಳೆ. ಪೂರ್ತಿ ಪುಸ್ತಕದ ಮೊಳೆ ಜೋಡಿಸಿದ್ದು ನಾನೇ, ಹತ್ತು ಮಕ್ಕಳಲ್ಲಿ ನಾನೂ ಒಬ್ಬಳು, ನನಗಿನ್ನೂ ಹನ್ನೆರಡು ತುಂಬಿಲ್ಲ ಎಂದು ಅದರಲ್ಲಿ ಹೇಳಿಕೊಂಡಿದ್ದಾಳೆ. ಎಷ್ಟು ಜಂಬ! ಅದು ಇರಬೇಕಾದ ಜಂಬವೇ.

ಇನ್ನು ಹ್ಯಾಂಬರ್ಗಿನ ಗ್ಲಿಕಲ್. ಹನ್ನೆರಡರಲ್ಲಿ ನಿಶ್ಚಿತಾರ್ಥ, ಹದಿನಾಲ್ಕರಲ್ಲಿ ಮದುವೆ, ಹದಿನಾಲ್ಕು ಹೆರಿಗೆ. ಗಂಡ ಹಾಯಿಮ್ ಮುತ್ತಿನ ವ್ಯಾಪಾರಿ. ಏನೇ ವ್ಯವಹಾರವಿದ್ದರೂ ಹೆಂಡತಿಯನ್ನು ಕೇಳಿಯೇ ಮಾಡುತ್ತಿದ್ದರು. 1689ರಲ್ಲಿ ಅವರು ತೀರಿಕೊಂಡರು. ಗ್ಲಿಕಲ್ ಸಾಲ ತೀರಿಸಿದರು, ಕಾಲುಚೀಲದ ಕಾರ್ಖಾನೆ ನಡೆಸಿದರು, ಲೈಪ್‌ಜಿಗ್ ಜಾತ್ರೆಗೆ ಹೋಗಿ ವ್ಯಾಪಾರ ಮಾಡಿದರು. ರಾತ್ರಿ ನಿದ್ದೆ ಬಾರದ ದುಃಖದಲ್ಲಿ ಮಕ್ಕಳಿಗಾಗಿ ತಮ್ಮ ಬದುಕನ್ನು ಬರೆಯಲು ಕೂತರು. ಏಳು ಭಾಗಗಳ ಆ ಆತ್ಮಕಥೆಯಲ್ಲಿ ಪ್ಲೇಗ್ ಇದೆ, ಬೀಗರ ಜಗಳ ಇದೆ, ವರದಕ್ಷಿಣೆಯ ಲೆಕ್ಕ ಇದೆ, ದೇವರ ಜೊತೆ ತಕರಾರೂ ಇದೆ. ಎರಡನೇ ಮದುವೆಯಾಗಿ ಫ್ರಾನ್ಸಿನ ಮೆಟ್ಸ್ ಪಟ್ಟಣಕ್ಕೆ ಹೋದರು. ಲೇವಾದೇವಿಯ ಆ ಸಾಹುಕಾರ ಗಂಡ ದಿವಾಳಿಯಾದ. ಅದನ್ನೂ ಮುಚ್ಚಿಡದೆ ಬರೆದಿದ್ದಾರೆ. ಇವರನ್ನು ಸ್ತ್ರೀವಾದಿ ಎಂದು ಕರೆಯಲು ನನಗೆ ಮನಸ್ಸಿಲ್ಲ. ಹೆಣ್ಣುಮಕ್ಕಳಿಗೆ ಒಳ್ಳೆಯ ಸಂಬಂಧ ಹುಡುಕುವುದೇ ಅವರ ದೊಡ್ಡ ಚಿಂತೆಯಾಗಿತ್ತು. ಆದರೆ ತನ್ನ ಬದುಕು ಬರೆಯಲು ಯೋಗ್ಯವೇ ಎಂಬ ಅನುಮಾನ ಅವರಿಗೆ ಬರಲೇ ಇಲ್ಲ.

ಆ ಹಸ್ತಪ್ರತಿ ಮನೆತನದಲ್ಲೇ ಉಳಿದು 1896ರಲ್ಲಿ ಅಚ್ಚಾಯಿತು. 1910ರಲ್ಲಿ ಜರ್ಮನ್ ಭಾಷೆಗೆ ತಂದವರು ಬರ್ತಾ ಪಾಪೆನ್‌ಹೈಮ್. ಮನೋವಿಜ್ಞಾನ ಓದಿದವರಿಗೆ ಇವರು ಬೇರೆ ಹೆಸರಿನಲ್ಲಿ ಗೊತ್ತು. ಬ್ರಾಯರ್ ಮತ್ತು ಫ್ರಾಯ್ಡ್ 1895ರಲ್ಲಿ ಬರೆದ ‘ಅನ್ನಾ ಓ’ ಎಂಬ ರೋಗಿ ಇವರೇ. ಆ ಹಣೆಪಟ್ಟಿ ಇಂದಿಗೂ ಅವರನ್ನು ಬಿಟ್ಟಿಲ್ಲ, ಅದು ಅನ್ಯಾಯ. 1904ರಲ್ಲಿ ಯಹೂದಿ ಮಹಿಳೆಯರ ಒಕ್ಕೂಟ ಕಟ್ಟಿದ್ದು, ಹೆಣ್ಣುಮಕ್ಕಳ ಸಾಗಾಟದ ವಿರುದ್ಧ ಊರೂರು ತಿರುಗಿದ್ದು, ಮದುವೆಯಿಲ್ಲದೆ ತಾಯಂದಿರಾದವರಿಗೆ ಮನೆ ಮಾಡಿದ್ದು ಇದೇ ‘ರೋಗಿ’. ಇಂಗ್ಲೆಂಡಿನ ಸ್ತ್ರೀವಾದಿ ಲೇಖಕಿ ಮೇರಿ ವುಲ್‌ಸ್ಟನ್‌ಕ್ರಾಫ್ಟ್ ಅವರ ಕೃತಿಯನ್ನೂ ಅನುವಾದಿಸಿದರು. ಗ್ಲಿಕಲ್ ವೇಷ ತೊಟ್ಟು ಚಿತ್ರಕಾರನ ಮುಂದೆ ನಿಂತರು. ಶಬ್ಬತ್ ಎಂಬ ವಾರದ ವಿರಾಮದ ದಿನವನ್ನು ಆಚರಿಸುತ್ತಲೇ ರಬ್ಬಿಗಳನ್ನು ಬೈಯುತ್ತಿದ್ದ ಹೆಂಗಸು.

ತೀರ್ಪು ಹೇಳುವ ಜಾಗವನ್ನೇ ನೇರವಾಗಿ ಕೇಳಿದವರು ಬರ್ಲಿನ್ನಿನ ರೆಜಿನಾ ಯೋನಾಸ್. ಹೆಂಗಸು ರಬ್ಬಿ ಆಗಬಹುದೇ ಎಂಬುದೇ 1930ರ ಅವರ ಪ್ರಬಂಧದ ಪ್ರಶ್ನೆ. ಧರ್ಮಶಾಸ್ತ್ರದ ಒಳಗಿನಿಂದಲೇ ವಾದ ಕಟ್ಟಿ, ಆಗಬಹುದು ಎಂದು ತೋರಿಸಿದರು. ಕಾಲೇಜು ಪಟ್ಟ ಕೊಡಲಿಲ್ಲ. 1935ರ ಡಿಸೆಂಬರಿನಲ್ಲಿ ರಬ್ಬಿ ಮಾಕ್ಸ್ ಡೀನೆಮಾನ್ ಕೊಟ್ಟರು. 1942ರಲ್ಲಿ ನಾಜಿಗಳು ಯೋನಾಸ್ ಅವರನ್ನು ಟೆರೆಸಿಯೆನ್‌ಸ್ಟಾಟ್ ಬಂಧನ ಶಿಬಿರಕ್ಕೆ ಸಾಗಿಸಿದರು. ಅಲ್ಲೂ ಉಪನ್ಯಾಸ ಕೊಟ್ಟರು. 1944ರಲ್ಲಿ ಆಶ್‌ವಿಟ್ಜ್‌ನಲ್ಲಿ ಕೊಂದರು. 1972ರಲ್ಲಿ ಅಮೆರಿಕದ ಸ್ಯಾಲಿ ಪ್ರೀಸಾಂಡ್ ರಬ್ಬಿಯಾದಾಗ ಬಹಳ ಜನ ಇವರೇ ಮೊದಲು ಅಂದುಕೊಂಡರು. ಬರ್ಲಿನ್ ಗೋಡೆ ಬಿದ್ದ ಮೇಲೆಯೇ ಪೂರ್ವ ಬರ್ಲಿನ್ನಿನ ಕಡತಗಳಲ್ಲಿ ಯೋನಾಸ್ ಅವರ ಕಾಗದಗಳು ಸಂಶೋಧಕರ ಕಣ್ಣಿಗೆ ಬಿದ್ದವು.

ಇಷ್ಟಕ್ಕೂ ತಾಲ್ಮೂದ್ ಕಲಿಯುವ ಹಟ ಯಾಕೆ ಅಂತ ಕೇಳಬಹುದು. ವಿಚ್ಛೇದನ ನೋಡಿದರೆ ಸಾಕು. ಯಹೂದಿ ಕಾನೂನಿನಲ್ಲಿ ‘ಗೆಟ್’ ಎಂಬ ಪತ್ರವನ್ನು ಗಂಡ ತಾನಾಗಿ ಕೊಡಬೇಕು. ಕೊಡದಿದ್ದರೆ ಹೆಂಡತಿ ‘ಅಗುನಾ’ ಆಗಿ ಉಳಿಯುತ್ತಾಳೆ, ಮರುಮದುವೆ ಆಗುವಂತಿಲ್ಲ. ರಬ್ಬಿಯೊಬ್ಬರ ಮಗಳು ಡೆವೊರಾ ಬಾರೊನ್ ಚಿಕ್ಕವಳಿದ್ದಾಗ ಸಿನಗಾಗಿನ (ಯಹೂದಿ ಪ್ರಾರ್ಥನಾ ಮಂದಿರ) ಅಡ್ಡಗೋಡೆಯ ಆಚೆ ಕೂತು ಅಪ್ಪನ ಪಾಠ ಕೇಳಿ ಕಲಿತವರು. ಮುಂದೆ ಹೀಬ್ರೂ ಕಥೆಗಾರ್ತಿಯಾದಾಗ ಇಂಥ ಹೆಂಗಸರನ್ನೇ ಮತ್ತೆ ಮತ್ತೆ ಬರೆದರು. ಇಸ್ರೇಲಿನಲ್ಲಿ ಯಹೂದಿಗಳ ವಿಚ್ಛೇದನ ಇಂದಿಗೂ ರಬ್ಬಿಗಳ ಕೋರ್ಟಿನಲ್ಲೇ ನಡೆಯುತ್ತದೆ. ಗೆಟ್ ಕೊಡದ ಗಂಡನ ಡ್ರೈವಿಂಗ್ ಲೈಸೆನ್ಸ್ ಕಸಿದುಕೊಳ್ಳುವ, ಜೈಲಿಗೂ ಹಾಕುವ ಅಧಿಕಾರ ಆ ಕೋರ್ಟಿಗೆ 1995ರ ಕಾನೂನಿನಿಂದ ಬಂತು. 1990ರ ದಶಕದಿಂದ ತಾಲ್ಮೂದ್ ಓದಿ ತರಬೇತಿ ಪಡೆದ ಹೆಂಗಸರು ಅಲ್ಲಿ ಹೆಂಗಸರ ಪರ ವಾದಿಸುತ್ತಿದ್ದಾರೆ. ತೀರ್ಪು ಕೊಡುವ ಪೀಠದಲ್ಲಿ ಮಾತ್ರ ಇನ್ನೂ ಗಂಡಸರೇ ಇದ್ದಾರೆ.