ಪಾಯಿಂಟ್ ತರದ ರೇಡ್‌ಗೆ ಯಾಕೆ ಹೋಗಬೇಕು?

ಪ್ರಶ್ನೆ: "ಸಾರ್, ರೇಡರ್ ಹೋಗ್ತಾನೆ, ಕಬಡ್ಡಿ ಕಬಡ್ಡಿ ಅಂತಾನೆ, ಯಾರನ್ನೂ ಮುಟ್ಟದೆ ವಾಪಸ್ ಬರ್ತಾನೆ. ಮುಟ್ಟೋಕೆ ಧೈರ್ಯ ಇಲ್ಲ ಅಂದ್ಮೇಲೆ ಯಾಕೆ ಹೋಗ್ಬೇಕು? ಸುಮ್ನೆ ಟೈಮ್ ವೇಸ್ಟ್ ಅಲ್ವಾ?"

ಈ ಪ್ರಶ್ನೆಗೆ ಎಷ್ಟು ಸಲ ಉತ್ತರ ಹೇಳಿದ್ದೇನೋ ಲೆಕ್ಕವಿಲ್ಲ. ಜಾತ್ರೆಯ ಹೊನಲು ಬೆಳಕಿನ ಪಂದ್ಯಕ್ಕೆ ಸ್ಕೋರ್ ಬರೆಯಲು ಕೂತರೆ ಬೆನ್ನ ಹಿಂದಿನಿಂದ ಕೇಳುತ್ತಾರೆ. ಮದುವೆ ಊಟದ ಪಂಕ್ತಿಯಲ್ಲೂ ಕೇಳುತ್ತಾರೆ. ಈ ಸಲ ಪೂರ್ತಿ ಬರೆದೇ ಬಿಡುತ್ತೇನೆ.

ಮೊದಲು ಲೆಕ್ಕ. ಹೀಗೆ ಬರಿಗೈಲಿ ವಾಪಸ್ ಬರುವ ಎಂಪ್ಟಿ ರೇಡ್‌ನಲ್ಲಿ ನಮಗೆ ಪಾಯಿಂಟ್ ಇಲ್ಲ, ಸರಿ. ಆದರೆ ನಷ್ಟವೂ ಇಲ್ಲ. ಅದೇ ರೇಡರ್ ನುಗ್ಗಿ ಸಿಕ್ಕಿಬಿದ್ದರೆ? ಎದುರಾಳಿಗೆ ಒಂದು ಪಾಯಿಂಟ್. ಔಟಾಗಿ ಕೂತಿದ್ದ ಅವರ ಆಟಗಾರನೊಬ್ಬ ಎದ್ದು ಒಳಗೆ ಬರುತ್ತಾನೆ. ನಮ್ಮವನು ಹೊರಗೆ ಹೋಗಿ ಕೂರುತ್ತಾನೆ. ಒಂದೇ ರೇಡ್‌ಗೆ ಮೂರು ಪೆಟ್ಟು. ಇನ್ನು ಎದುರಿಗೆ ಮೂರೇ ಜನ ಅಥವಾ ಅದಕ್ಕಿಂತ ಕಡಿಮೆ ಉಳಿದಿದ್ದರೆ ಅದು ಸೂಪರ್ ಟ್ಯಾಕಲ್, ಅವರಿಗೆ ಒಂದಲ್ಲ, ಎರಡು ಪಾಯಿಂಟ್. "ಮೂರೇ ಜನ ಇದ್ದಾರೆ, ನುಗ್ಗೋ" ಅಂತ ಹೊರಗಿನಿಂದ ಕೂಗುವವರು ಇದನ್ನು ಮರೆತೇ ಕೂಗುತ್ತಾರೆ.

ಇನ್ನು ಗಡಿಯಾರ. ಆಟ 40 ನಿಮಿಷ, ಒಂದು ರೇಡ್‌ಗೆ 30 ಸೆಕೆಂಡ್. ಕೊನೆಯ ನಾಲ್ಕು ನಿಮಿಷ ಉಳಿದಿದೆ, ನಾವು ನಾಲ್ಕು ಪಾಯಿಂಟ್ ಮುಂದಿದ್ದೇವೆ ಅಂದುಕೊಳ್ಳಿ. ಎರಡು ಎಂಪ್ಟಿ ರೇಡ್‌ನಲ್ಲೇ ಪೂರ್ತಿ ಒಂದು ನಿಮಿಷ ಹೋಯಿತು. ಮುಂದಿರುವ ತಂಡಕ್ಕೆ ಟೈಮ್ ಕಳೆಯುವುದೇ ಕೆಲಸ.

ಇಷ್ಟನ್ನು ಹೆಚ್ಚಿನವರು ಒಪ್ಪುತ್ತಾರೆ. ಒಪ್ಪಿದ ಮೇಲೂ ಒಂದು ಮಾತು ಬಿಡುವುದಿಲ್ಲ: "ಏನೇ ಹೇಳಿ ಸಾರ್, ಇದು ಹೆದರಿಕೆ. ನಮ್ಮ ಕಾಲದಲ್ಲಿ ಹೀಗಿರಲಿಲ್ಲ, ಹೋದವನು ಮುಟ್ಟೇ ಬರ್ತಿದ್ದ." ಈ ಮಾತು ಕೇಳಿದಾಗೆಲ್ಲ ನನಗೆ ತಡೆದುಕೊಳ್ಳಲು ಆಗುವುದಿಲ್ಲ.

ಹೆದರಿಕೆ ಅಂತೀರಲ್ಲ, ಅಂಗಳವನ್ನು ಒಮ್ಮೆ ಅಳೆದು ನೋಡಿ. ಗಂಡಸರ ಅಂಗಳದ ಉದ್ದ 13 ಮೀಟರ್, ಅಂದರೆ ಒಂದು ಕಡೆಗೆ ಆರೂವರೆ. ನಡುಗೆರೆಯಿಂದ 3.75 ಮೀಟರ್‌ಗೆ ಬಾಕ್ ಲೈನ್. ಯಾರನ್ನೂ ಮುಟ್ಟದೆ, ಅದನ್ನೂ ದಾಟದೆ ವಾಪಸ್ ಬಂದರೆ ರೇಡರ್ ಔಟ್. ದಾಟಿದ ಮೇಲೆ ಹಿಂದಿನ ಗೆರೆಯವರೆಗೆ ಉಳಿಯುವುದು 2.75 ಮೀಟರ್. ಆ ಜಾಗದಲ್ಲಿ ಏಳು ಜನ ಕೈ ಕೈ ಹಿಡಿದು ನಿಂತಿರುತ್ತಾರೆ. ಒಂದು ಹೆಜ್ಜೆ ತಪ್ಪಿದರೆ ತುದಿಯಲ್ಲಿ ನಿಂತ ಕಾರ್ನರ್‌ನವನು ಪಾದ ಹಿಡಿದ, ಒಳಗೆ ನಿಂತ ಕವರ್‌ನವನು ಡ್ಯಾಶ್ ಹೊಡೆದ, ಅಂದರೆ ಗುದ್ದಿ ಹೊರಗೆ ತಳ್ಳಿದ. ಅಷ್ಟು ಹತ್ತಿರ ಹೋಗಿ, ಉಸಿರು ಬಿಡದೆ, ಯಾರ ಕೈಗೂ ಸಿಗದೆ ಬರುವವನಿಗೆ ಹೆದರುಪುಕ್ಕಲ ಅನ್ನಬಹುದಾ?

"ನಮ್ಮ ಕಾಲದಲ್ಲಿ ಇರಲಿಲ್ಲ" ಅನ್ನುವುದೂ ಸುಳ್ಳು. ಒಂದು ತಂಡಕ್ಕೆ ಸತತ ಎರಡು ಎಂಪ್ಟಿ ರೇಡ್ ಆದರೆ ಮೂರನೆಯದರಲ್ಲಿ ಪಾಯಿಂಟ್ ತರಲೇಬೇಕು, ಇಲ್ಲದಿದ್ದರೆ ರೇಡರ್ ಔಟ್. ನಮ್ಮ ಹುಡುಗರು ಥರ್ಡ್ ರೇಡ್ ಅನ್ನುವ ಡೂ ಆರ್ ಡೈ ಇದೇ. ಪ್ರೊ ಕಬಡ್ಡಿಯಿಂದ ಮನೆಮನೆಗೂ ಗೊತ್ತಾದ ನಿಯಮ. ಎಲ್ಲರೂ ಪ್ರತಿ ಸಲ ಮುಟ್ಟೇ ಬರುತ್ತಿದ್ದರೆ ಇಂಥ ನಿಯಮ ಯಾಕೆ ಬೇಕಿತ್ತು ಹೇಳಿ? ಮೊದಲೆಲ್ಲ ಮುಂದಿರುವ ತಂಡ ಎಷ್ಟು ಬೇಕಾದರೂ ಸುಮ್ನೆ ಹೋಗಿ ಬರಬಹುದಿತ್ತು. ಈಗ ಎರಡೇ. ಎಂಪ್ಟಿ ರೇಡ್ ಹಳೆಯದು, ಅದಕ್ಕೆ ಹಾಕಿದ ಕಡಿವಾಣ ಹೊಸದು.

ಈ ಮಾತು ಆಡುವ ಹಿರಿಯರೇ ಹೈದರಾಲಿಯ ಕಥೆ ಬಂದರೆ ಎದೆ ಉಬ್ಬಿಸುತ್ತಾರೆ. ಹೈದರ್ ಮಾಡಿದ್ದೇನು? 1767ರಲ್ಲಿ ತಿರುವಣ್ಣಾಮಲೈ ಹತ್ತಿರ ಕಂಪನಿಯ ಕರ್ನಲ್ ಸ್ಮಿತ್ ಎದುರು ನೇರ ಕಾಳಗದಲ್ಲಿ ಸೋತ. ಆಮೇಲೆ ಕುದುರೆ ಪಡೆ ಬಿಟ್ಟು ಅವರ ದವಸ ಸಾಗಾಟಕ್ಕೆ ಕಾಟ ಕೊಟ್ಟ. 1769ರಲ್ಲಿ ಕಂಪನಿಯ ಪಡೆಯನ್ನು ದೂರಕ್ಕೆ ಸೆಳೆದು, ಆಯ್ದ ಸವಾರರನ್ನು ಕಟ್ಟಿಕೊಂಡು ಮದರಾಸಿನ ಹೊರಗೇ ಹೋಗಿ ನಿಂತ. ಕಂಪನಿಯವರು ಒಪ್ಪಂದಕ್ಕೆ ಸಹಿ ಹಾಕಿದರು. ದೊಡ್ಡ ಕಾಳಗ ತಪ್ಪಿಸಿದ್ದಕ್ಕೆ ಅವನನ್ನು ಹೇಡಿ ಅಂದವರನ್ನು ನಾನು ನೋಡಿಲ್ಲ.

ಇಷ್ಟರಲ್ಲಿ ಯಾರಾದರೂ ರೇಡರ್ ಪವನ್ ಸೆಹ್ರಾವತ್ ಹೆಸರು ತೆಗೆದೇ ತೆಗೆಯುತ್ತಾರೆ. 2019ರ ಜನವರಿಯ ಪ್ರೊ ಕಬಡ್ಡಿ ಫೈನಲ್, ಬೆಂಗಳೂರು ಬುಲ್ಸ್ ಗುಜರಾತ್ ವಿರುದ್ಧ 38-33ರಲ್ಲಿ ಗೆದ್ದಿತು, ಪವನ್ ಒಬ್ಬನೇ 22 ಪಾಯಿಂಟ್ ತಂದ. ಆ ಆಟ ನೆನೆದರೆ ನನಗೂ ಈಗಲೂ ಮೈ ಜುಮ್ ಅನ್ನುತ್ತದೆ. ಆದರೆ ಉಳಿದ 16 ಎಲ್ಲಿಂದ ಬಂದವು? ಇಡೀ ತಂಡದ ಆಟದಿಂದ. ಅಂಥ ರೇಡರ್ ಹೊರಗೆ ಕೂತಾಗ ಅವನನ್ನು ಒಳಗೆ ಎಬ್ಬಿಸಿ ತರುವುದು ಉಳಿದವರ ಪಾಯಿಂಟೇ. 2024ರ ಮಾರ್ಚ್‌ನ ಫೈನಲ್ ನೋಡಿ, ನಮ್ಮ ಬಿ.ಸಿ. ರಮೇಶ್ ಕೋಚ್ ಆಗಿದ್ದ ಪುಣೇರಿ ಪಲ್ಟನ್ ಹರಿಯಾಣವನ್ನು ಸೋಲಿಸಿದ್ದು 28-25ಕ್ಕೆ. ಅಷ್ಟು ಬಿಗಿ ಆಟದಲ್ಲಿ ಒಂದು ಅವಸರದ ರೇಡ್‌ಗೆ ಕಪ್ಪೇ ಕೈ ಬಿಡಬಹುದು.

ಹಾಗಂತ ಎಂಪ್ಟಿ ರೇಡ್ ಅಂದರೆ ಟೈಮ್ ಕಳೆಯುವುದು ಮಾತ್ರವಲ್ಲ. ಕಳೆದ ವರ್ಷ ನಮ್ಮ ಹುಡುಗನೊಬ್ಬ ಮೊದಲ ರೇಡ್‌ನಲ್ಲಿ ಎಡ ಕಾರ್ನರ್ ಕಡೆ ಹೋಗಿ ಕಾಲು ತೋರಿಸಿ ವಾಪಸ್ ಬಂದ. ಎರಡನೆಯದರಲ್ಲೂ ಅದೇ. ಜನ ಹೋ ಅಂತ ಕೂಗಿದರು. ಅವನು ನೋಡುತ್ತಿದ್ದದ್ದು ಆ ಕಾರ್ನರ್‌ನವನ ಹಿಮ್ಮಡಿ. ಇವನು ಕಾಲು ಚಾಚಿದ ಕೂಡಲೇ ಅವನ ಹಿಮ್ಮಡಿ ಏಳುತ್ತಿತ್ತು, ಭಾರವೆಲ್ಲ ಮುಂದಕ್ಕೆ ಬೀಳುತ್ತಿತ್ತು. ಥರ್ಡ್ ರೇಡ್‌ನಲ್ಲಿ ಮತ್ತೆ ಅದೇ ಕಾಲು ಚಾಚಿದ. ಕಾರ್ನರ್‌ನವನು ಪಾದಕ್ಕೆ ಬಿದ್ದ. ಇವನು ಕಾಲು ಎಳೆದುಕೊಂಡು, ಬಗ್ಗಿದ ಬೆನ್ನಿನ ಮೇಲೆ ಅಂಗೈ ತಟ್ಟಿ ಗೆರೆ ದಾಟಿದ. ಜನ ಚಪ್ಪಾಳೆ ಹೊಡೆದದ್ದು ಮೂರನೆಯದಕ್ಕೆ. ನನ್ನ ಚಪ್ಪಾಳೆ ಮೊದಲ ಎರಡಕ್ಕೆ.

ಇನ್ನು ಯಾರೂ ಕೇಳದ ಒಂದು ಪ್ರಶ್ನೆ ಇದೆ, ನಾನೇ ಹೇಳಿಬಿಡುತ್ತೇನೆ. ಥರ್ಡ್ ರೇಡ್‌ಗೆ ಯಾರನ್ನು ಕಳಿಸಬೇಕು? ಒಳ್ಳೆ ರೇಡರ್‌ನನ್ನೇ ಅನ್ನುತ್ತೀರಿ. ಆದರೆ ಔಟಾದವರು ವಾಪಸ್ ಬರುವುದು ಔಟಾದ ಸಾಲಿನಲ್ಲೇ, ಮೊದಲು ಹೋದವನು ಮೊದಲು. ಆಗಲೇ ಮೂವರು ಕೂತಿದ್ದಾಗ ಒಳ್ಳೆ ರೇಡರ್ ಔಟಾದರೆ ಅವನು ಸಾಲಿನಲ್ಲಿ ನಾಲ್ಕನೆಯವನು. ಎದುರಾಳಿಯ ಅಂಗಳದ ಬೋನಸ್ ಗೆರೆ ದಾಟಿದ್ದಕ್ಕೆ ಸಿಗುವ ಬೋನಸ್ ಪಾಯಿಂಟ್‌ಗೆ ಯಾರೂ ಏಳುವುದಿಲ್ಲ. ಅವನು ಬರುವಷ್ಟರಲ್ಲಿ ಆಟ ಮುಗಿದಿರಬಹುದು. ಅದಕ್ಕೇ ಎಷ್ಟೋ ಕ್ಯಾಪ್ಟನ್‌ಗಳು ಎರಡನೆಯ, ಮೂರನೆಯ ರೇಡರ್‌ನನ್ನು ಕಳಿಸುತ್ತಾರೆ. ಔಟಾಗುವ ಸಾಧ್ಯತೆಯೇ ಜಾಸ್ತಿ ಅಂತ ಗೊತ್ತಿದ್ದೂ ಕಳಿಸುತ್ತಾರೆ.

ಕಳಿಸುವುದು ಸುಲಭ. ಹೋಗುವವನಿಗೆ ಕಷ್ಟ. ನಮ್ಮಲ್ಲಿ ಹಾಗೆ ಹೋಗುತ್ತಿದ್ದ ಹುಡುಗ ಒಂದು ಸಂಜೆ ಪ್ರಾಕ್ಟೀಸ್ ಮುಗಿದ ಮೇಲೆ ಬಂದು, "ಸಾರ್, ಯಾವಾಗ್ಲೂ ನನ್ನನ್ನೇ ಯಾಕೆ ಬಲಿ ಕೊಡ್ತೀರಿ?" ಅಂತ ಕೇಳಿದ. ಕಣ್ಣು ತುಂಬಿತ್ತು. ತಪ್ಪು ನನ್ನದೇ, ಅವನಿಗೆ ಯಾವತ್ತೂ ಬಿಡಿಸಿ ಹೇಳಿರಲಿಲ್ಲ. ಮಣ್ಣಿನ ಮೇಲೆ ಕಡ್ಡಿಯಲ್ಲಿ ಔಟಾದವರ ಸಾಲು ಬರೆದೆ. ಅವನು ಕೂತರೆ ಏನಾಗುತ್ತದೆ, ನಮ್ಮ ದೊಡ್ಡ ರೇಡರ್ ಕೂತರೆ ಏನಾಗುತ್ತದೆ ಅಂತ ಒಂದೊಂದೇ ಹೆಸರು ಅಳಿಸಿ ತೋರಿಸಿದೆ. ಅವನು ಸ್ವಲ್ಪ ಹೊತ್ತು ಆ ಗೆರೆಗಳನ್ನೇ ನೋಡುತ್ತಾ ಕೂತಿದ್ದ. ಈಗ ಎರಡು ಎಂಪ್ಟಿ ರೇಡ್ ಆದ ಕೂಡಲೇ ಕ್ಯಾಪ್ಟನ್ ಕಡೆ ತಿರುಗಿ ತಾನೇ ಕೈ ಎತ್ತುತ್ತಾನೆ.